ನೋಡಿದವರ ಋಣ

ಬೊಲಿವಿಯಾ ದೇಶದ ನೈಋತ್ಯ ಮೂಲೆಯ ಉಯುನಿ ಎಂಬ ಊರಿನಿಂದ ಹೊರಟ ಜೀಪು ಮೂರನೆಯ ದಿನ ಚಿಲಿಯ ಗಡಿ ಮುಟ್ಟುತ್ತದೆ. ಮೊದಲ ದಿನ 10,000 ಚದರ ಕಿಲೋಮೀಟರಿಗೂ ಮಿಕ್ಕಿದ ಉಪ್ಪಿನ ಬಯಲು. ಎರಡನೆಯ ದಿನ ಬಣ್ಣಬಣ್ಣದ ಕೆರೆಗಳು, ಫ್ಲೆಮಿಂಗೊ ಹಕ್ಕಿಗಳು, ಗಾಳಿ ಕೊರೆದ ಬಂಡೆಗಳ ಸಿಲೋಲಿ ಮರುಭೂಮಿ. ಮೂರನೆಯ ದಿನ ಬೆಳಗಿನ ಜಾವಕ್ಕೆ 4,800 ಮೀಟರಿಗೂ ಎತ್ತರದಲ್ಲಿ ಕುದಿಯುವ ಕೆಸರಿನ ಗುಂಡಿಗಳು, ಕೊನೆಗೆ ಲಿಕಾಂಕಾಬುರ್ ಜ್ವಾಲಾಮುಖಿಯ ಬುಡದ ಹಸಿರು ಕೆರೆ. ಗೈಡು, ಊಟ, ಉಪ್ಪಿನ ಇಟ್ಟಿಗೆಯಲ್ಲಿ ಕಟ್ಟಿದ ವಸತಿ ಎಲ್ಲವೂ ಸೇರಿದ ಪ್ಯಾಕೇಜು ಅದು. ಈ ದಾರಿ ಮುಗಿಸಿ ಬಂದವರಲ್ಲಿ ದೇವರನ್ನು ನಂಬದವರೂ ಒಂದು ಮಾತು ಹೇಳುತ್ತಾರೆ: ಅಲ್ಲಿ ಏನೋ ದೈವಿಕವಾದದ್ದು ಇದೆ, ನಿಂತಲ್ಲೇ ನಾನು ಇಲ್ಲವಾದೆ ಎಂದು. ಆ ಮಾತನ್ನು ನಾನು ಪ್ರಾಮಾಣಿಕವೆಂದೇ ನಂಬುತ್ತೇನೆ. ನನ್ನ ಪ್ರಶ್ನೆ ಅದರಿಂದ ಮುಂದಿನದು. ಒಂದು ನೆಲ ಪವಿತ್ರವಾಗುವುದು ನೋಡಿದವರ ಎದೆಯಲ್ಲಿ ಏಳುವ ಭಾವದಿಂದಲೇ? ಅಷ್ಟು ಸಾಲದು ಎಂಬುದು ನನ್ನ ವಾದ. ಈ ನೆಲಕ್ಕೆ ನಾನು ಏನನ್ನೋ ಕೊಡಬೇಕಾಗಿದೆ ಎಂದು ಒಪ್ಪಿಕೊಂಡ ಗಳಿಗೆಯಿಂದ ಪಾವಿತ್ರ್ಯದ ಮಾತು ಶುರುವಾಗುತ್ತದೆ. ಭಾವ ಅಲ್ಲಿಯವರೆಗೆ ಕೈಹಿಡಿದು ಕರೆದೊಯ್ಯಬಹುದು, ಅದಕ್ಕಿಂತ ಹೆಚ್ಚಲ್ಲ.

ಭಾವವನ್ನು ಹಗುರವಾಗಿ ಕಾಣುವಂತಿಲ್ಲ. ಸಮುದ್ರಮಟ್ಟದಿಂದ 3,650 ಮೀಟರ್ ಮೇಲಿರುವ ಆ ಬಯಲಿನ ಉದ್ದಗಲಕ್ಕೆ ಏರಿಳಿತ ಹೆಚ್ಚುಕಡಿಮೆ ಒಂದು ಮೀಟರ್ ಅಷ್ಟೆ. ಉಪಗ್ರಹಗಳ ಎತ್ತರಮಾಪಕಗಳು ಸರಿಯಾಗಿ ಅಳೆಯುತ್ತಿವೆಯೇ ಎಂದು ಪರೀಕ್ಷಿಸಲು ವಿಜ್ಞಾನಿಗಳು ಈ ಬಯಲನ್ನೇ ಬಳಸಿದ್ದಾರೆ. ಜನವರಿಯಿಂದ ಮಾರ್ಚ್‌ವರೆಗಿನ ಮಳೆಗಾಲದಲ್ಲಿ ಅದರ ಮೇಲೆ ತೆಳುವಾಗಿ ನೀರು ನಿಂತರೆ ಮುಗಿಲು ಕಾಲಕೆಳಗೆ ಬರುತ್ತದೆ, ದಿಗಂತದ ಗೆರೆ ಅಳಿಸಿಹೋಗುತ್ತದೆ. ಜರ್ಮನಿಯ ರುಡಾಲ್ಫ್ ಓಟೊ 1917ರಲ್ಲಿ ಪವಿತ್ರವಾದದ್ದನ್ನು ಕುರಿತು ಬರೆದ ಪುಸ್ತಕದಲ್ಲಿ ಧರ್ಮದ ಬೇರನ್ನು ಹುಡುಕಿದ್ದು ಇಂಥ ಅನುಭವದಲ್ಲೇ, ನಡುಕ ಹುಟ್ಟಿಸುತ್ತಲೇ ಸೆಳೆಯುವ, ಮಾತಿಗೆ ಸಿಗದ ಬೇರೆತನದಲ್ಲಿ. ಆ ಎತ್ತರದಲ್ಲಿ ಆಮ್ಲಜನಕ ಸಮುದ್ರಮಟ್ಟದ ಮೂರನೇ ಎರಡು ಪಾಲಿನಷ್ಟು ಮಾತ್ರ ಸಿಗುವುದರಿಂದ ಇದೆಲ್ಲ ಮಿದುಳಿನ ಆಟ ಎನ್ನುವವರೂ ಇದ್ದಾರೆ. ಅದು ದೊಡ್ಡ ಆಕ್ಷೇಪವಲ್ಲ. ಉಪವಾಸ, ಜಾಗರಣೆ ಮಾಡಿದವರ ಅನುಭವಕ್ಕೂ ದೇಹದಲ್ಲಿ ಕಾರಣಗಳಿವೆ. ಕಾರಣ ಸಿಕ್ಕಿತೆಂದು ಅನುಭವ ಸುಳ್ಳಾಗುವುದಿಲ್ಲ. ನಿಜವಾದ ತೊಡಕನ್ನು ಎತ್ತಿ ಹೇಳಿದವನು ಇಮ್ಯಾನುಯೆಲ್ ಕಾಂಟ್. ಭವ್ಯವಾದದ್ದರ ಎದುರು ನಿಂತಾಗ ನಾವು ಕಾಣುವ ಭವ್ಯತೆ ಇರುವುದು ಬೆಟ್ಟದಲ್ಲೋ ಕಡಲಿನಲ್ಲೋ ಅಲ್ಲ, ನೋಡುವವನ ಮನಸ್ಸಿನಲ್ಲಿ ಎಂದು ಅವನು 1790ರಲ್ಲೇ ವಾದಿಸಿದ. ಅದು ನಿಜವಾದರೆ ಉಪ್ಪಿನ ಬಯಲಿನಲ್ಲಿ ಕೈಮುಗಿದವನು ಮುಗಿದದ್ದು ತನ್ನ ಮನಸ್ಸಿಗೇ. ಬಯಲು ಕೇವಲ ನೆಪ. ನೆಪವಾಗಿರುವ ನೆಲದ ಗತಿ ಏನಾದರೂ ಆ ಭಕ್ತಿಗೆ ಊನವಿಲ್ಲ. ನಾಳೆ ಇಂಥದ್ದೇ ಇನ್ನೊಂದು ಬಯಲಿನಲ್ಲಿ ಅದು ಮತ್ತೆ ಸಿಕ್ಕೀತು.

ಇನ್ನೂ ಒಂದು ಕೊರತೆ ಇದೆ. ಈ ಭಾವಕ್ಕೆ ನೆಲ ಖಾಲಿಯಾಗಿರಬೇಕು. ಆದರೆ ಅದು ಖಾಲಿಯಾಗಿಲ್ಲ. ಬಯಲಿನ ಪೂರ್ವದ ಅಂಚಿನಲ್ಲಿರುವ ಕೊಲ್ಚಾನಿ ಎಂಬ ಹಳ್ಳಿಯವರು ಮೇಲಿನ ಪದರವನ್ನು ಕೆರೆದು ಸೊಂಟದೆತ್ತರದ ಗುಡ್ಡೆ ಹಾಕುತ್ತಾರೆ, ನೀರು ಬಸಿದು ಹೋಗಲೆಂದು. ಬಿಳುಪಿನಿಂದ ಎರಚುವ ಬಿಸಿಲಿಗೆ ಕಣ್ಣು ಕೆಡದಂತೆ ಕಪ್ಪು ಕನ್ನಡಕ, ಮುಖ ಸುಡದಂತೆ ಮೂಗಿನವರೆಗೆ ಎಳೆದ ಬಟ್ಟೆ. ಆ ಉಪ್ಪು ಮನೆಗೆ ಬಂದು ಬೆಂಕಿಯ ಕಾವಿನಲ್ಲಿ ಒಣಗುತ್ತದೆ, ಪುಡಿಯಾಗುತ್ತದೆ, ಅಯೋಡಿನ್ ಸೇರಿಸಿಕೊಳ್ಳುತ್ತದೆ. ಆಮೇಲೆ ಒಂದೊಂದೇ ಪ್ಲಾಸ್ಟಿಕ್ ಚೀಲದ ಬಾಯನ್ನು ಉರಿಗೆ ಹಿಡಿದು ಮುಚ್ಚುತ್ತಾರೆ. ಲಾರಿ ಬರುವ ಮುಂಚೆ ಇದೇ ಉಪ್ಪನ್ನು ಲಾಮಾಗಳ ಬೆನ್ನಿಗೆ ಹೇರಿ, ದಿನಗಟ್ಟಲೆ ನಡೆದು, ತಗ್ಗಿನ ಕಣಿವೆಗಳ ಮೆಕ್ಕೆಜೋಳಕ್ಕೆ ಬದಲಾಯಿಸಿಕೊಂಡು ಬರುತ್ತಿದ್ದರು. ನೆಲದೊಳಗೂ ಸದ್ದಿಲ್ಲದ ಕೆಲಸ ನಡೆದಿದೆ. ಫೋಟೊಗಳಲ್ಲಿ ಕಾಣುವ ಆರು ಮೂಲೆಯ ಜೇನುಗೂಡಿನಂಥ ಗೆರೆಗಳು ಕೆಳಗಿನ ಉಪ್ಪುನೀರು ಭಾರದಿಂದ ಇಳಿದು, ಹಗುರವಾದದ್ದು ಮೇಲೇರಿ, ನಿರಂತರ ಸುತ್ತುವುದರ ಗುರುತು ಎಂದು 2023ರಲ್ಲಿ ಪ್ರಕಟವಾದ ಅಧ್ಯಯನವೊಂದು ವಿವರಿಸಿತು. ಉತ್ತರ ದಡದ ತುನುಪಾ ಎಂಬ ಬೆಟ್ಟದ ಕಥೆಯನ್ನು ಅಲ್ಲಿಯ ಅಯ್ಮಾರಾ ಜನ ಹೀಗೆ ಹೇಳುತ್ತಾರೆ: ಬೆಟ್ಟಗಳು ಮನುಷ್ಯರಾಗಿದ್ದ ಕಾಲದಲ್ಲಿ ಗಂಡ ಬಿಟ್ಟುಹೋದ ತುನುಪಾ ಕೂಸಿಗೆ ಹಾಲೂಡುತ್ತಾ ಅತ್ತಳು, ಕಣ್ಣೀರೂ ಎದೆಹಾಲೂ ಕೂಡಿ ಹರಿದು ಬಯಲಾಯಿತು. ಭೂವಿಜ್ಞಾನ ಇದನ್ನು ಹತ್ತು ಸಾವಿರ ವರ್ಷಗಳಿಗೂ ಹಿಂದಿನ ಕೆರೆಗಳು ಬತ್ತಿ ಉಳಿದ ಉಪ್ಪು ಎನ್ನುತ್ತದೆ. ಎರಡರ ನಡುವೆ ಜಗಳ ಹಚ್ಚಬೇಕಿಲ್ಲ. ತುನುಪಾ ಕಥೆ ಹೇಳುವುದು ಸಂಬಂಧವನ್ನು. ತಾನು ಉಣ್ಣುತ್ತಿರುವುದು ಒಬ್ಬಳ ದುಃಖದಿಂದ ಬಂದದ್ದು ಎಂದು ತಿಳಿದವನಿಗೆ ಆ ಉಪ್ಪು ಬರಿಯ ಬಿಳುಪಾಗಿ ಉಳಿಯುವುದಿಲ್ಲ.

ಆಂಡೀಸ್ ಬೆಟ್ಟಗಳ ಧರ್ಮ ಈ ಸಂಬಂಧದ ಮೇಲೆ ನಿಂತಿದೆ. ಭೂಮಿತಾಯಿ ಪಚಮಾಮಾ. ಕುಡಿಯುವ ಮೊದಲು ಅವಳಿಗೆಂದು ನಾಲ್ಕು ಹನಿ ನೆಲಕ್ಕೆ ಚೆಲ್ಲುತ್ತಾರೆ. ಆಗಸ್ಟ್ ತಿಂಗಳಲ್ಲಿ ಅವಳು ಹಸಿದಿರುತ್ತಾಳೆ, ನೆಲ ಬಾಯಿ ತೆರೆದಿರುತ್ತದೆ ಎಂಬ ನಂಬಿಕೆ. ಆಗ ಕೋಕಾ ಎಲೆ, ಲಾಮಾದ ಕೊಬ್ಬು, ಸಕ್ಕರೆಯ ಅಚ್ಚುಗಳನ್ನು ಕೂಡಿಸಿ ಸುಟ್ಟು ಎಡೆ ಕೊಡುತ್ತಾರೆ. ಎತ್ತರದ ಕಣಿವೆದಾರಿಗಳಲ್ಲಿ ಅಪಚೇತಾ ಎಂಬ ಕಲ್ಲುಗುಪ್ಪೆಗಳಿವೆ, ದಾಟುವವನು ಒಂದು ಕಲ್ಲು ಇಟ್ಟು ಮುಂದೆ ಹೋಗುತ್ತಾನೆ. ಎಳ್ಳಮಾವಾಸ್ಯೆಯಂದು ಉತ್ತರ ಕರ್ನಾಟಕದ ಹೊಲಗಳಲ್ಲಿ ಚರಗ ಚೆಲ್ಲುವುದನ್ನು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಅಲ್ಲಿಯೂ ಮೊದಲ ತುತ್ತು ನೆಲದ್ದು, ಮನೆಯವರದು ಆಮೇಲೆ. ನಾನು ಇಲ್ಲಿ ಗಮನಿಸುವುದು ಒಂದನ್ನು. ಚೆಲ್ಲುವವನ ಎದೆ ತುಂಬಿ ಬಂತೇ, ಮೈ ಪುಳಕಗೊಂಡಿತೇ ಎಂದು ಈ ಆಚರಣೆ ಕೇಳುವುದೇ ಇಲ್ಲ. ತೆಗೆದುಕೊಳ್ಳುವ ಮೊದಲು ಕೊಟ್ಟೆಯಾ ಎಂದಷ್ಟೇ ಕೇಳುತ್ತದೆ. ಮಂಜು ಕವಿದ ಬೇಸರದ ಬೆಳಗಿನಲ್ಲೂ, ಏನೂ ಅನ್ನಿಸದ ದಿನವೂ, ಆ ನಾಲ್ಕು ಹನಿ ಬೀಳಲೇಬೇಕು.

ಇದು ದೇವರಿಗೆ ಕೊಡುವ ಲಂಚವಲ್ಲವೇ, ಮಳೆ ಬರಲಿ ಎಂದು ಹೂಡುವ ಬಂಡವಾಳವಲ್ಲವೇ ಎಂಬುದು ಹಳೆಯ ಆಕ್ಷೇಪ. ಭಯದಿಂದ ಕೊಡುವವರು ಎಲ್ಲ ಧರ್ಮಗಳಲ್ಲೂ ಇದ್ದಾರೆ, ಅಲ್ಲಿಯೂ ಇದ್ದಾರೆ. ಆದರೆ ಲಂಚ ಕೊಡುವವನು ತನಗೆ ಸಲ್ಲದ್ದನ್ನು ಪಡೆಯಲು ಕೊಡುತ್ತಾನೆ. ಋಣ ತೀರಿಸುವವನು ಈಗಾಗಲೇ ಪಡೆದದ್ದಕ್ಕೆ ಕೊಡುತ್ತಾನೆ. ಬರಗಾಲದ ವರ್ಷದಲ್ಲೂ ಎಡೆ ನಿಲ್ಲುವುದಿಲ್ಲ ಎಂಬುದು ಇವೆರಡರ ನಡುವಿನ ಅಂತರ. ಇದಕ್ಕಿಂತ ಗಟ್ಟಿಯಾದ ಆಕ್ಷೇಪ ತತ್ತ್ವಶಾಸ್ತ್ರದ್ದು. ಋಣ ಎಂದರೆ ವ್ಯಕ್ತಿಗಳ ನಡುವಿನ ಮಾತು. ಕೊಟ್ಟದ್ದನ್ನು ಅರಿಯದ, ಮರಳಿದ್ದನ್ನು ಎಣಿಸದ ಉಪ್ಪಿಗೂ ಕಲ್ಲಿಗೂ ನಾವು ಸಾಲಗಾರರಾಗುವುದು ಹೇಗೆ? ತೀರಿಹೋದ ತಂದೆತಾಯಿಯ ಋಣವನ್ನು ನೆನೆದರೆ ಈ ಆಕ್ಷೇಪದ ಬಿಗಿ ಸಡಿಲವಾಗುತ್ತದೆ. ಪಡೆಯುವ ಕೈ ಇಲ್ಲವಾದ ಮೇಲೂ ಸಾಲ ಉಳಿದಿರುತ್ತದೆ, ಏಕೆಂದರೆ ಅದು ಹುಟ್ಟಿದ್ದು ನಾವು ಪಡೆದದ್ದರಿಂದ, ಅವರು ಕೇಳುವುದರಿಂದಲ್ಲ. ಉಪ್ಪಿಕ್ಕಿದವರನ್ನು ಮುಪ್ಪಿನ ತನಕ ನೆನೆ ಎಂಬ ನಮ್ಮ ಗಾದೆಯೂ ಉಪ್ಪಿಕ್ಕಿದವರು ನೆನೆಸಿಕೊಳ್ಳಲು ಹೇಳಿದರೇ ಎಂದು ವಿಚಾರಿಸುವುದಿಲ್ಲ. ಪಚಮಾಮಾ ನಿಜಕ್ಕೂ ಕೇಳಿಸಿಕೊಳ್ಳುವ ತಾಯಿಯೋ ಅಲ್ಲವೋ ಎಂಬುದು ಇತ್ಯರ್ಥವಾಗದಿದ್ದರೂ ಪಡೆದವರು ಪಡೆದದ್ದಂತೂ ಖಚಿತ.

ನನ್ನ ವಾದಕ್ಕೆ ಎದುರಾಗುವ ಅತ್ಯಂತ ಕಠಿಣ ಸಾಕ್ಷ್ಯ ಇದೇ ಎತ್ತರದ ಮರುಭೂಮಿಯಲ್ಲಿ, ಈ ದಾರಿಯಿಂದ ದಕ್ಷಿಣಕ್ಕೆ, ಅರ್ಜೆಂಟೀನಾ ಮತ್ತು ಚಿಲಿಯ ಗಡಿಯ ಮೇಲಿದೆ. 1999ರಲ್ಲಿ ಯೂಯಾಯ್ಯಾಕೊ ಎಂಬ 6,739 ಮೀಟರ್ ಎತ್ತರದ ಶಿಖರದ ಬಳಿ ಮೂವರು ಮಕ್ಕಳ ದೇಹಗಳು ಸಿಕ್ಕವು: ಹದಿಹರೆಯದ ಒಬ್ಬ ಹುಡುಗಿ, ಇಬ್ಬರು ಎಳೆಯರು. ಇಂಕಾ ಸಾಮ್ರಾಜ್ಯ ಸುಮಾರು 500 ವರ್ಷಗಳ ಹಿಂದೆ ಬೆಟ್ಟಕ್ಕೆ ಕೊಟ್ಟ ಬಲಿ. ಚಳಿ ಅವರನ್ನು ನಿದ್ದೆಹೋದವರಂತೆ ಉಳಿಸಿಕೊಂಡಿತ್ತು. ಹುಡುಗಿಯ ಕೂದಲನ್ನು ಪರೀಕ್ಷಿಸಿದಾಗ ಕೊನೆಯ ತಿಂಗಳುಗಳಲ್ಲಿ ಅವಳಿಗೆ ಕೋಕಾ ಮತ್ತು ಮದ್ಯವನ್ನು ಹೆಚ್ಚಿಸುತ್ತಾ ಹೋಗಿದ್ದು 2013ರಲ್ಲಿ ತಿಳಿದುಬಂತು. ನೆಲಕ್ಕೆ ಋಣಿಯಾಗಿರುವುದೇ ಧರ್ಮ ಎನ್ನುವವನಿಗೆ ಈ ಮಕ್ಕಳು ಉತ್ತರ ಕೇಳುತ್ತಾರೆ. ಋಣ ದೊಡ್ಡದಾದಷ್ಟೂ ತೀರಿಸುವ ಬೆಲೆ ದೊಡ್ಡದಾಗಬೇಕಲ್ಲವೇ? ಬರಿಯ ಭಾವದಲ್ಲಿ ಮೈಮರೆತು ಹಿಂದಿರುಗುವ ಪ್ರವಾಸಿಗ ಯಾರ ಕೂಸನ್ನೂ ಕೊಲ್ಲುವುದಿಲ್ಲವಲ್ಲ? ಈ ಪ್ರಶ್ನೆಯನ್ನು ಆ ಕಾಲದ ನಂಬಿಕೆ ಬೇರೆ ಎಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಉತ್ತರ ಋಣದ ಒಳಗೇ ಇದೆ ಎಂದು ತೋರುತ್ತದೆ. ಸಾಲಗಾರ ತನ್ನದನ್ನು ಕೊಟ್ಟು ಸಾಲ ತೀರಿಸಬೇಕು. ಸಾಮ್ರಾಜ್ಯದ ಸಾಲಕ್ಕೆ ಎಲ್ಲೋ ದೂರದ ಮನೆಯ ಮಗುವನ್ನು ತಂದು ಸಲ್ಲಿಸಿದಾಗ ಅಲ್ಲಿ ನಡೆದದ್ದು ಋಣ ತೀರಿಸುವ ಕೆಲಸವಲ್ಲ, ಋಣವನ್ನು ಇನ್ನೊಬ್ಬರ ಹೆಗಲಿಗೆ ಹೊರಿಸುವ ಕೆಲಸ. ಬಾಟಲಿಯ ಮೊದಲ ಹನಿ ಚೆಲ್ಲುವವನು ತನ್ನ ಪಾಲಿನಿಂದ ಚೆಲ್ಲುತ್ತಾನೆ. ಆ ಗಡಿ ದಾಟಿದ ಕೂಡಲೇ ಎಂಥ ಭಕ್ತಿಯೂ ಕ್ರೌರ್ಯವಾಗುತ್ತದೆ.

ಈ ಅಳತೆಗೋಲು ಹಿಡಿದರೆ ಧರ್ಮದ ಹೆಸರೇ ಎತ್ತದವರೂ ಸಿಕ್ಕಿಬೀಳುತ್ತಾರೆ. ಉಪ್ಪಿನ ಬಯಲು ಇರುವ ಜಿಲ್ಲೆಗೆ ಹೆಸರು ಕೊಟ್ಟ ಪೊಟೊಸಿಯಲ್ಲಿ 1545ರಲ್ಲಿ ಬೆಳ್ಳಿ ಸಿಕ್ಕಿತು. ಯುರೋಪಿನ ಅರಮನೆಗಳಿಗೆ ಬೆಳ್ಳಿ ಹೋಯಿತು, ಅದರ ಬೆಲೆಯನ್ನು ತೆತ್ತವರು ಸರದಿಯ ಮೇಲೆ ಗಣಿಗೆ ಎಳೆಯಲಾದ ಸ್ಥಳೀಯರು. ಈಗ ಬಯಲಿನ ಉಪ್ಪುನೀರಿನಲ್ಲಿರುವ ಲಿಥಿಯಂನ ಸರದಿ. ಬೊಲಿವಿಯಾದಲ್ಲಿ 2 ಕೋಟಿ ಟನ್ನಿಗೂ ಮಿಗಿಲಾದ ಲಿಥಿಯಂ ಇದೆಯೆಂಬ ಅಂದಾಜಿದೆ, ಜಗತ್ತಿನಲ್ಲೇ ಅತಿ ದೊಡ್ಡ ಸಂಪತ್ತುಗಳಲ್ಲಿ ಒಂದು. 2010ರಲ್ಲಿ ಭೂಮಿತಾಯಿಯ ಹಕ್ಕುಗಳಿಗೆಂದೇ ಕಾನೂನು ಮಾಡಿದ ದೇಶ 2023ರಲ್ಲಿ ಈ ಬಯಲಿನ ಅಂಚಿನಲ್ಲಿ ಲಿಥಿಯಂ ಕಾರ್ಬೊನೇಟ್ ಕಾರ್ಖಾನೆ ತೆರೆಯಿತು. ಭೂಮಿ ಸುಡದಿರಲು ಬ್ಯಾಟರಿ ಬೇಕು, ಬ್ಯಾಟರಿಗೆ ಲಿಥಿಯಂ ಬೇಕು, ಹಾಗಾಗಿ ಇದೂ ಭೂಮಿಯ ಸೇವೆಯೇ ಎಂಬ ವಾದವನ್ನು ನಾನು ಗೌರವಿಸುತ್ತೇನೆ. ಬಡ ದೇಶವೊಂದು ತನ್ನ ನೆಲದಿಂದ ಬದುಕು ಕಟ್ಟಿಕೊಳ್ಳಬಾರದು ಎನ್ನುವ ಹಕ್ಕು ದೂರದವರಿಗಿಲ್ಲ. ಕೇಳಬೇಕಾದದ್ದು ಬೇರೆ: ಇದರ ಬೆಲೆ ಯಾರ ಪಾಲಿನಿಂದ ಹೋಗುತ್ತಿದೆ? ಮಳೆಯೇ ಅಪರೂಪವಾದ ಆ ಸೀಮೆಯಲ್ಲಿ ಕಿನೋವಾ ಬೆಳೆಯುವ, ಲಾಮಾ ಮೇಯಿಸುವ ಹಳ್ಳಿಗಳ ಸಿಹಿನೀರಿನಿಂದಲೇ ಅದು ಹೋಗುವುದಾದರೆ, ಕಾನೂನಿನಲ್ಲಿ ಭೂಮಿತಾಯಿಯ ಹೆಸರಿದ್ದೂ ನಾವು ಯೂಯಾಯ್ಯಾಕೊ ಶಿಖರದಿಂದ ಬಹಳ ದೂರ ಬಂದಿಲ್ಲ. ನೀರು ಹೋದರೆ ಏನಾಗುತ್ತದೆಂದು ಆ ಸೀಮೆ ಈಗಾಗಲೇ ಕಂಡಿದೆ: ಉತ್ತರದ ಪೂಪೊ ಸರೋವರ ಬತ್ತಿತೆಂದು 2015ರ ಕೊನೆಗೆ ಘೋಷಿಸಿದಾಗ, ಅದರ ಮೀನನ್ನೇ ನಂಬಿ ಬದುಕಿದ್ದ ಉರು ಜನರ ಕಸುಬು ನೀರಿನೊಂದಿಗೇ ಹೋಗಿತ್ತು.

ಮೂರು ದಿನದ ಪ್ರವಾಸಿಗ ಇದರಲ್ಲಿ ಏನು ಮಾಡಿಯಾನು, ಅವನು ಬಂದದ್ದು ನೋಡಲು, ಶುಲ್ಕವನ್ನೂ ಕಟ್ಟಿದ್ದಾನಲ್ಲ ಎನ್ನಬಹುದು. ನೋಡುವುದೂ ಪಡೆಯುವುದೇ. ಅವನ ಜೀಪಿನ ಗಾಲಿಗಳು ಉಪ್ಪಿನ ಮೇಲೆ ಕಪ್ಪು ಜಾಡು ಎಳೆಯುತ್ತವೆ. ನೀರನ್ನು ಎಣಿಸಿ ಬಳಸುವ ಹಳ್ಳಿಯಲ್ಲಿ ಅವನು ಬಿಸಿನೀರಿನ ಸ್ನಾನ ಕೇಳುತ್ತಾನೆ. ಕೆಂಪು ಕೆರೆ ಲಗುನಾ ಕೊಲರಾಡಾದಲ್ಲಿ ಫ್ಲೆಮಿಂಗೊಗಳ ಸಮೀಪಕ್ಕೆ ಹೋದರೆ ಅವು ಮೇವು ಬಿಟ್ಟು ಏಳುತ್ತವೆ. ಅಳಿದೇಹೋದವೆಂದು ಬಗೆದಿದ್ದ ಜೇಮ್ಸ್ ಫ್ಲೆಮಿಂಗೊ ಎಂಬ ಜಾತಿ 1950ರ ದಶಕದಲ್ಲಿ ಮತ್ತೆ ಕಂಡದ್ದು ಈ ಕೆರೆಯಲ್ಲಿಯೇ. ದುಡ್ಡನ್ನು ನಾನು ಕೀಳಾಗಿ ಕಾಣುತ್ತಿಲ್ಲ. ಕೊಲ್ಚಾನಿಯ ಮನೆಯವರಿಗೆ, ಜೀಪು ಓಡಿಸುವವನಿಗೆ ನ್ಯಾಯವಾದ ಬೆಲೆ ಕೊಡುವುದೇ ಮೊದಲ ಮರುಪಾವತಿ. ಆದರೆ ಬೆಲೆ ಕೊಟ್ಟ ಕ್ಷಣಕ್ಕೆ ವ್ಯಾಪಾರ ಮುಗಿದು ಇಬ್ಬರೂ ತಮ್ಮ ದಾರಿ ಹಿಡಿಯಬಹುದು, ಋಣದಲ್ಲಿ ಹಾಗೆ ಮುಗಿಯುವುದಿಲ್ಲ. ಹಾಗಿದ್ದರೆ ಇದು ಬರಿಯ ಪರಿಸರ ನೀತಿಯಾಯಿತಲ್ಲ, ಇದರಲ್ಲಿ ಧರ್ಮವೆಲ್ಲಿ ಎಂದು ಯಾರಾದರೂ ಕೇಳಿದರೆ ಇನ್‌ಕಾವಾಸಿ ದ್ವೀಪದ ಕಳ್ಳಿಗಿಡಗಳನ್ನು ತೋರಿಸಬೇಕು. ಬಯಲಿನ ನಡುವಿನ ಆ ಕಲ್ಲುಗುಡ್ಡದ ಮೇಲೆ ಅವು ವರ್ಷಕ್ಕೆ ಸುಮಾರು ಒಂದು ಸೆಂಟಿಮೀಟರ್ ಬೆಳೆಯುತ್ತವೆ, ಹತ್ತು ಮೀಟರ್ ಎತ್ತರದವೂ ಇವೆ. ಒಂದನ್ನು ಕಡಿದವನು ಎಷ್ಟು ದಂಡ ತೆತ್ತರೂ ಅದನ್ನು ತಿರುಗಿ ನಿಲ್ಲಿಸಲಾರ. ನೀತಿನಿಯಮ ದಂಡದ ಮೊತ್ತ ಹೇಳಿ ಮುಗಿಸುತ್ತದೆ. ತೀರಿಸಲಾಗದ್ದೆಂದು ಗೊತ್ತಿದ್ದೂ ಕೊಡುತ್ತಿರಬೇಕು ಎನ್ನುವಲ್ಲಿಂದ ಧರ್ಮ ಮಾತಾಡುತ್ತದೆ. ಅದಕ್ಕೇ ಆಗಸ್ಟಿನ ಎಡೆ ಪ್ರತಿವರ್ಷವೂ ಮರಳಿ ಬರುತ್ತದೆ. ಪ್ರವಾಸಿಗನಿಗೆ ಆ ನೆಲದಲ್ಲಿ ಇನ್ನೊಂದು ಆಗಸ್ಟ್ ಇಲ್ಲ. ಅವನು ಕೊಡಬಹುದಾದದ್ದು ತನ್ನ ಊರಿನಲ್ಲಿದೆ, ಕೈಯಲ್ಲಿರುವ ಫೋನನ್ನು ಇನ್ನೂ ಕೆಲವು ವರ್ಷ ಬಾಳಿಸುವುದರಲ್ಲಿ, ಹಳೆಯ ಬ್ಯಾಟರಿ ಕಸಕ್ಕೆ ಹೋಗದೆ ಅದರೊಳಗಿನ ಲಿಥಿಯಂ ಮರುಬಳಕೆಗೆ ಸೇರುವಂತೆ ನೋಡಿಕೊಳ್ಳುವುದರಲ್ಲಿ. ಆ ಬಯಲನ್ನು ಎಂದೂ ನೋಡದವರೂ ಅದೇ ಫೋನು, ಅದೇ ವಿದ್ಯುತ್ ಸ್ಕೂಟರು ಬಳಸುತ್ತಾರೆ, ಮತ್ತು ಈ ಋಣದ ಲೆಕ್ಕದಲ್ಲಿ ಅವರೂ ಸೇರಿದ್ದಾರೆ.