ಹಗ್ಗದ ಹಾವು, ಬಿಸಿಲಿನ ಕುದುರೆ

ಕನ್ನಡದಲ್ಲಿ ಒಂದು ವಿಚಿತ್ರ ಪ್ರಾಣಿ ಇದೆ, ಬಿಸಿಲುಗುದುರೆ. ಸಂಸ್ಕೃತದವರು ಅದನ್ನೇ ಮೃಗಜಲ ಅಂದರು. ನೀರು ಅಂದುಕೊಂಡು ಜಿಂಕೆ ಓಡುತ್ತೆ, ಅಲ್ಲಿ ನೀರಿರಲ್ಲ. ಹೆಸರಿನಲ್ಲೇ ಪಾಪದ ಜಿಂಕೆಯನ್ನು ದಡ್ಡ ಮಾಡಿಬಿಟ್ಟಿದ್ದಾರೆ. ನಮ್ಮವರು ಯಾರನ್ನೂ ಬೈಯಲಿಲ್ಲ. ಅಲ್ಲೇನೋ ಕುಣೀತಾ ಇದೆ, ಅದು ಬಿಸಿಲಿನ ಕುದುರೆ ಅಂತ ಹೆಸರಿಟ್ಟು ಸುಮ್ಮನಾದರು. ಏಪ್ರಿಲ್ ತಿಂಗಳ ಮಧ್ಯಾಹ್ನ ಶಹಾಪುರ ಬಿಟ್ಟು ಸುರಪುರದ ಕಡೆ ಬೈಕ್ ಓಡಿಸಿ ನೋಡಿ. ಎರಡೂ ಕಡೆ ಎರಿ ಹೊಲ, ಮುಂದೆ ಡಾಂಬರು, ಅದರ ಮೇಲೆ ಥಳಥಳ ನೀರು. ನೀವು ಮುಂದೆ ಹೋದಷ್ಟೂ ಅದೂ ಮುಂದೆ ಹೋಗುತ್ತೆ.

ಬೆಳಕನ್ನು ಬಗ್ಗಿಸೋ ಪ್ರಾಣಿಗಳ ಪಟ್ಟಿಯಲ್ಲಿ ಕುದುರೆ ಒಂದೇ ಇಲ್ಲ, ಹಾವೂ ಇದೆ. 6ನೇ ಶತಮಾನದ ವರಾಹಮಿಹಿರ ಬೃಹತ್ಸಂಹಿತೆಯಲ್ಲಿ ಕಾಮನಬಿಲ್ಲಿನ ಬಗ್ಗೆ ಬರೆಯುತ್ತಾನೆ. ಗಾಳಿಗೆ ಸಿಕ್ಕಿ ಚದುರಿದ ಸೂರ್ಯಕಿರಣಗಳು ಮೋಡದ ಆಕಾಶದಲ್ಲಿ ಬಿಲ್ಲಿನ ಹಾಗೆ ಕಾಣುತ್ತವೆ ಅನ್ನೋದು ಅವನ ಮಾತು. ಅದರ ಬೆನ್ನಿಗೇ, ಇದು ಅನಂತನ ಕುಲದ ಹಾವುಗಳ ಉಸಿರಿನಿಂದ ಹುಟ್ಟಿದ್ದು ಅಂತ ಕೆಲವು ಆಚಾರ್ಯರು ಹೇಳುತ್ತಾರೆ ಅಂತಲೂ ಸೇರಿಸುತ್ತಾನೆ. ಅವರನ್ನು ಗೇಲಿ ಮಾಡೋದಿಲ್ಲ. (ನಮ್ಮ ಕೋಡ್ ರಿವ್ಯೂಗಳಲ್ಲಿ ಇಷ್ಟು ಮರ್ಯಾದೆ ನಾನು ಕಂಡಿಲ್ಲ.)

1848ರಲ್ಲಿ ಡೀಡಲಸ್ ಅನ್ನೋ ಬ್ರಿಟಿಷ್ ನೌಕೆಯ ಕ್ಯಾಪ್ಟನ್ ಮತ್ತು ಅಧಿಕಾರಿಗಳು ದಕ್ಷಿಣ ಅಟ್ಲಾಂಟಿಕ್‌ನಲ್ಲಿ ದೊಡ್ಡ ಕಡಲ ಹಾವನ್ನು ನೋಡಿದೆವು ಅಂತ ವರದಿ ಕೊಟ್ಟರು. ಲಂಡನ್ನಿನಲ್ಲಿದ್ದ ದೊಡ್ಡ ವಿಜ್ಞಾನಿ ರಿಚರ್ಡ್ ಓವೆನ್, ನೀವು ನೋಡಿದ್ದು ಸೀಲ್ ಇರಬೇಕು ಅಂದ. ಕ್ಯಾಪ್ಟನ್ ಒಪ್ಪಲಿಲ್ಲ. ಹಡಗಿನಲ್ಲಿ ಇದ್ದವನು ನಾನು, ಅಲ್ಲವಾ? 1979ರಲ್ಲಿ ಕೆನಡಾದ ಲೆಹ್ನ್ ಅನ್ನೋ ಸಂಶೋಧಕ ಸೈನ್ಸ್ ಪತ್ರಿಕೆಯಲ್ಲಿ ಇಂಥ ಪ್ರಾಣಿಗಳ ಬಗ್ಗೆ ಬೇರೆ ಥರ ಬರೆದ. ತಣ್ಣನೆ ನೀರಿನ ಮೇಲೆ ತಣ್ಣನೆ ಗಾಳಿ, ಅದರ ಮೇಲೆ ಬೆಚ್ಚನೆ ಗಾಳಿ ಇದ್ದರೆ ಬೆಳಕು ಬಾಗುತ್ತೆ, ಮಾಮೂಲಿ ವಸ್ತುವೂ ಉದ್ದಕ್ಕೆ ಎಳೆದ ಹಾಗೆ ಕಾಣುತ್ತೆ. ನೀರಿನ ಮೇಲೆ ಚಾಚಿದ ಗಿಡ್ಡ ತಲೆ ಉದ್ದ ಕತ್ತಾಗಬಹುದು. ಈ ವಿವರಣೆ ನನಗೆ ಹಿಡಿಸೋದು ಯಾಕಂದ್ರೆ, ನೋಡಿದವನನ್ನು ಇದು ಸುಳ್ಳುಗಾರನನ್ನೂ ಮಾಡೋದಿಲ್ಲ, ಕುಡುಕನನ್ನೂ ಮಾಡೋದಿಲ್ಲ. ಅವನ ಕಣ್ಣಿಗೆ ಬಂದ ಬೆಳಕು ನಿಜವಾಗಿಯೂ ಹಾಗೇ ಬಂದಿತ್ತು.

ಭ್ರಮೆ ಅಂದ ತಕ್ಷಣ ನಮಗೆಲ್ಲ ನೆನಪಾಗೋದು ಶಂಕರರ ಹಗ್ಗ-ಹಾವು. ಕತ್ತಲಲ್ಲಿ ಹಗ್ಗ ಹಾವಿನಂತೆ ಕಾಣುತ್ತೆ, ದೀಪ ತಂದರೆ ಹಾವು ಹೋಯ್ತು. ಇದು ಬಗ್ ಫಿಕ್ಸ್ ಆದ ಹಾಗೆ. ಆದರೆ ಬಿಸಿಲುಗುದುರೆ ಹಾಗಲ್ಲ. ಅದು ನೀರಲ್ಲ ಅಂತ ನೂರು ಸಲ ಗೊತ್ತಾದರೂ ನೂರಾ ಒಂದನೇ ಸಲ ನೀರೇ ಕಾಣುತ್ತೆ. ಇಂಥದ್ದಕ್ಕೆ ವೇದಾಂತಿಗಳು ಸೋಪಾಧಿಕ ಭ್ರಮೆ ಅಂತ ಬೇರೆ ಹೆಸರೇ ಇಟ್ಟಿದ್ದಾರೆ. ತಿಳಿವಳಿಕೆ ಬಂದರೂ ತೋರಿಕೆ ಹೋಗಲ್ಲ, ಯಾಕಂದ್ರೆ ಕಾರಣ ನೋಡೋನ ತಲೆಯೊಳಗಿಲ್ಲ, ಹೊರಗಿದೆ.

ಗಾಳಿಯ ವಕ್ರೀಭವನ ಸೂಚ್ಯಂಕ ಹೆಚ್ಚುಕಮ್ಮಿ 1.0003. ನೆಲದ ಹತ್ತಿರದ ಗಾಳಿ ಕಾದಾಗ ಅದು ದಶಮಾಂಶದ ಐದನೇ ಸ್ಥಾನದಲ್ಲಿ ಸ್ವಲ್ಪ ಇಳಿಯುತ್ತೆ, ಅಷ್ಟೇ. ಅಷ್ಟಕ್ಕೇ ಆಕಾಶದಿಂದ ಓರೆಯಾಗಿ ಇಳಿಯೋ ಬೆಳಕು ನೆಲ ಮುಟ್ಟೋ ಮೊದಲೇ ಬಾಗಿ ಮೇಲೆದ್ದು ನಮ್ಮ ಕಣ್ಣಿಗೆ ಬರುತ್ತೆ. ರೋಡಿನ ಮೇಲೆ ನಾವು ನೋಡೋದು ಆಕಾಶವನ್ನೇ. ಆಕಾಶ ಸುಳ್ಳಲ್ಲ, ಅದು ಕಾಣೋ ಜಾಗ ಸುಳ್ಳು.

ಇಷ್ಟೆಲ್ಲ ಯಾಕೆ ಯೋಚನೆ ಮಾಡಿದೆ ಅಂದ್ರೆ, ಕಾಕಾನ ಮಗ ಫೋನ್ ಮಾಡಿದ್ದ. ಬೆಂಗಳೂರಿನ ಒಂದು ಕೋಚಿಂಗ್ ಸೆಂಟರ್, ಆರು ತಿಂಗಳ ಕೋರ್ಸು, ನೂರಕ್ಕೆ ನೂರು ಪ್ಲೇಸ್‌ಮೆಂಟ್. ಫೀಸಿಗೆ ಹೊಲ ಮಾರೋ ಮಾತು ನಡೆದಿತ್ತು. ಇರೋದೇ ಎರಡು ಎಕರೆ, ಅದೂ ಕಾಲುವೆ ಕೊನೆಗೆ. ಕಾಕಾ ಬೇರೆ ಫೋನ್ ಮಾಡಿ, "ನೀನ ಹೇಳಪಾ ಅವಂಗ, ನನ್ನ ಮಾತ ಕೇಳಂಗಿಲ್ಲ" ಅಂದಿದ್ದರು.

ಹೇಳಿದೆ. ಈಗ ಫ್ರೆಷರ್‌ಗಳನ್ನು ತಗೊಳ್ಳೋದು ಕಡಿಮೆ ಆಗಿದೆ, ನಮ್ಮ ಟೀಮಿನಲ್ಲೇ ಲೇಆಫ್ ಆಗಿದೆ, ನೂರಕ್ಕೆ ನೂರು ಅಂತ ಯಾರೂ ಗ್ಯಾರಂಟಿ ಕೊಡೋಕಾಗಲ್ಲ ಅಂದೆ. ಆ ಕಡೆಯಿಂದ ಸ್ವಲ್ಪ ಹೊತ್ತು ಮಾತಿಲ್ಲ. ಆಮೇಲೆ ಅಂದ, "ನೀ ಹೊಟ್ಟಿತುಂಬ ಕುಡದು ಕುಂತೀದಿ. ಈಗ ನಮಗ ಅಲ್ಲಿ ನೀರಿಲ್ಲ ಅಂತೀಯೇನಣ್ಣಾ?"

ಆಫೀಸಿನಲ್ಲಿ ಇದನ್ನು ಹೇಳಿದರೆ, "ಪಾಪ, ಊರ ಕಡೆ ಅವೇರ್‌ನೆಸ್ ಕಮ್ಮಿ" ಅಂತ ಒಬ್ಬರು ತಲೆ ಆಡಿಸಿದರು. ನನಗೆ ಕೋಪ ಬಂತು. ಅವನಿಗೆ ಅವೇರ್‌ನೆಸ್ ಇಲ್ಲ ಅನ್ನೋದು ಹಗ್ಗ-ಹಾವಿನ ಲೆಕ್ಕ. ಒಂದು ದೀಪ ಹಚ್ಚಿದರೆ ಸಾಕು ಅನ್ನೋ ಲೆಕ್ಕ. ಆದರೆ ಅವನು ನೋಡ್ತಿರೋದು ಇಲ್ಲದ್ದನ್ನಲ್ಲ, ನನ್ನನ್ನೇ. ಹಬ್ಬಕ್ಕೆ ಕಾರಿನಲ್ಲಿ ಬರೋ ನಾನು, ಆರ್‌ಸಿಸಿ ಆದ ನಮ್ಮ ಮನೆ, ತಂಗಿ ಮದುವೆ. ಯಾವುದೂ ಸುಳ್ಳಲ್ಲ. ನಾನು ಬಿಇ ಮುಗಿಸಿದಾಗ ಕಂಪನಿಗಳೇ ಕ್ಯಾಂಪಸ್ಸಿಗೆ ಬರ್ತಿದ್ದವು. ಹೊಲ ಮಾರದೇ ಓದಿದೆ, ಹಾಸ್ಟೆಲ್ ಸಿಕ್ಕಿತ್ತು. ಆ ಬೆಳಕು ಯಾವ್ಯಾವ ಪದರ ದಾಟಿ ಬಾಗಿ ಅವನ ಕಣ್ಣಿಗೆ ಬರ್ತಿದೆ ಅನ್ನೋದು ಕೂತಲ್ಲಿಂದ ಅವನಿಗೆ ಕಾಣೋ ಹಾಗಿಲ್ಲ. ನನಗೂ ಆ ವಯಸ್ಸಿನಲ್ಲಿ ಕಾಣ್ತಿರಲಿಲ್ಲ.

ಹಾಗಾದರೆ ಗೊತ್ತಿರೋನ ಕೆಲಸ ಏನು? ನೀರಿಲ್ಲ ಅಂತ ಕೂಗೋದಾ? ನೀರು ಕುಡಿದವನ ಬಾಯಿಗೆ ಆ ಮಾತು ಒಪ್ಪೋದಿಲ್ಲ. ಅವನ ಕನಸು ಅವನದು ಅಂತ ಸುಮ್ಮನಿರೋದಾ? ಈ ಉದಾರತೆ ನನಗೆ ಬಲು ಅಗ್ಗದ್ದು ಅನಿಸುತ್ತೆ. ಹೊಲ ಹೋಗೋದು ಅವರದು, ಉದಾರಿ ಅನಿಸಿಕೊಳ್ಳೋದು ನಾನು. ಹಾಗಂತ ವಾದ ಮಾಡಿ ಗೆಲ್ಲೋದರಲ್ಲೂ ನನಗೆ ನಂಬಿಕೆ ಇಲ್ಲ. ಬಿಸಿಲುಗುದುರೆಯ ಜೊತೆ ವಾದ ನಡೆಯಲ್ಲ, ನಿಂತ ಜಾಗ ಬದಲಾದರೆ ಮಾತ್ರ ಅದು ಬದಲಾಗೋದು. ಶಹಾಪುರದಲ್ಲಿ ಬೆಳೆದವರಿಗೆ ಇದು ಹೊಸದಲ್ಲ. ಊರ ಬೆಟ್ಟಸಾಲು ದೂರದಿಂದ ಮಲಗಿದ ಬುದ್ಧ, ಮೂಗು ತುಟಿ ಗದ್ದ ಎಲ್ಲ ಇದೆ. ಹತ್ತಿರ ಹೋದರೆ ಬಂಡೆ, ಮುಳ್ಳುಕಂಟಿ. ದೂರದಿಂದ ಬುದ್ಧನನ್ನು ಕಂಡವರನ್ನು ಯಾರೂ ದಡ್ಡರು ಅನ್ನೋದಿಲ್ಲ. ಹಾಗಂತ ಅಲ್ಲಿ ಬುದ್ಧನ ಮೂಗು ಸಿಗುತ್ತೆ ಅಂತ ಹೊಲ ಮಾರಿ ಯಾರೂ ಹೊರಡೋದೂ ಇಲ್ಲ.

ಮತ್ತೆ ಫೋನ್ ಮಾಡಿ, ಹೊಲದ ಮಾತು ಒಂದು ತಿಂಗಳು ತಡೆಯಿರಿ ಅಂತ ಕಾಕಾಗೆ ಹೇಳಿದೆ. ತಮ್ಮನಿಗೆ, ನನ್ನ ರೂಮಿಗೆ ಬಾ, ಆ ಸೆಂಟರಿನಲ್ಲಿ ಹೋದ ವರ್ಷ ಮುಗಿಸಿದವರನ್ನು ನೀನೇ ಹುಡುಕಿ ಕೇಳು, ಊಟ ವಸತಿ ನನ್ನದು ಅಂದೆ. ಅವರೆಲ್ಲ ಕೆಲಸದಲ್ಲಿದ್ದರೆ ಫೀಸು ನಾನು ಕಟ್ಟತೀನಿ ಅಂತಲೂ ಅಂದೆ. ಅಷ್ಟು ದುಡ್ಡು ಸದ್ಯಕ್ಕೆ ನನ್ನ ಹತ್ತಿರ ಇಲ್ಲ, ಸಾಲ ಮಾಡಬೇಕು. ಹೆಂಡತಿಗೆ ಇನ್ನೂ ಹೇಳಿಲ್ಲ.

"ಮತ್ತ ಅವರಿಗೆಲ್ಲ ಕೆಲಸ ಸಿಕ್ಕಿದ್ರ?" ಅಂತ ಎರಡು ಸಲ ಕೇಳಿ ಖಾತ್ರಿ ಮಾಡ್ಕೊಂಡ. ಸೋಮವಾರ ಯಾದಗಿರಿಯಲ್ಲಿ ರೈಲು ಹತ್ತತಾನ.