ಮಣ್ಣಿಗೆ ಬರುವವರು

ಮನಗೂಳಿಯಿಂದ ವಿಜಯಪುರಕ್ಕೆ ಸುಮಾರು 20 ಕಿಲೋಮೀಟರ್. ರಾಷ್ಟ್ರೀಯ ಹೆದ್ದಾರಿ 50 ಅಗಲವಾದ ಮೇಲೆ ಅದೊಂದು ದೂರವೇ ಅಲ್ಲ. ಬೆಳಿಗ್ಗೆ ಬುತ್ತಿ ಕಟ್ಟಿಕೊಂಡು ಬಸ್ ಹತ್ತಿದರೆ ಆಫೀಸು, ಕಾಲೇಜು, ದವಾಖಾನೆ, ಕಿರಾಣಿ ಬಜಾರು ಎಲ್ಲವೂ ಕೈಗೆ ಸಿಗುತ್ತವೆ. ‘ಅಪ್-ಡೌನ್ ಮಾಡೋದು’ ಎಂದು ಇದಕ್ಕೆ ನಮ್ಮ ಕಡೆ ಹೆಸರು. ಬಸವನ ಬಾಗೇವಾಡಿಯಿಂದ, ಸಿಂದಗಿಯಿಂದ ಬಸ್ಸಿಗೆ ಬರುವವರಿದ್ದಾರೆ. ಇಂಡಿ ಕಡೆಯವರಿಗೆ ರೈಲೂ ಇದೆ. ನಾನು ನೌಕರಿ ಸೇರಿದಾಗಿನಿಂದ ಅಪ್-ಡೌನ್ ಮಾಡುತ್ತಲೇ ಬಂದಿದ್ದೇನೆ.

ಮನಗೂಳಿ ನಿನ್ನೆ ಮೊನ್ನೆ ಹುಟ್ಟಿದ ಊರಲ್ಲ. ಬಸವಣ್ಣನ ಕಾಲದ, ಅಂದರೆ 12ನೇ ಶತಮಾನದ ಶಾಸನಗಳು ಇಲ್ಲಿವೆ. ದೇವರಿಗೆ ಬಿಟ್ಟ ದತ್ತಿಯನ್ನು ಕಲ್ಲಿನಲ್ಲಿ ಕೊರೆಸಿಟ್ಟವರ ಊರಿದು. ಅಂಥ ಊರು ಈಗ ಹಗಲೆಲ್ಲ ಅರ್ಧ ಖಾಲಿ. ನಮ್ಮದೇ ತಾಲ್ಲೂಕಿನಲ್ಲಿದ್ದ ಹಳೆ ಕೊಲ್ಹಾರ ಆಲಮಟ್ಟಿಯ ಹಿನ್ನೀರಿಗೆ ಹೋಯಿತು. ಆ ಜನ ಕಣ್ಣೀರು ಹಾಕಿ ಊರು ಬಿಟ್ಟರು. ನಮ್ಮ ಊರು ಹೋಗುತ್ತಿರುವುದು ರಸ್ತೆಗುಂಟ, ದಿನಾ ಬೆಳಿಗ್ಗೆ. ಅದಕ್ಕೆ ಯಾರೂ ಅಳುವುದಿಲ್ಲ, ಸಂಜೆ ಎಲ್ಲರೂ ಮರಳಿ ಬರುತ್ತಾರಲ್ಲ ಎಂದು. ಹಗಲು ಒಂದೂರು, ರಾತ್ರಿ ಒಂದೂರು ಆದವನಿಗೆ ಯಾವ ಊರಿನ ಹಂಗು? ಇದನ್ನು ನಾನು ಧರ್ಮದ ಪ್ರಶ್ನೆ ಎಂದೇ ಕೇಳುತ್ತೇನೆ.

ಹೋದ ಬೇಸಿಗೆಯಲ್ಲಿ ನಮ್ಮ ಓಣಿಯ ಹಿರಿಯರೊಬ್ಬರು ಲಿಂಗೈಕ್ಯರಾದರು. ಕೆಲಸದ ದಿನ. ಯಾವುದೋ ಕೆಲಸಕ್ಕೆ ರಜೆ ಹಾಕಿ ನಾನು ಮನೆಯಲ್ಲಿದ್ದೆ. ಕುಣಿ ತೋಡಲು ಜೆಸಿಬಿ ಬಂತು. ಬೇಸಿಗೆಯ ಎರೆಮಣ್ಣು ಬಿರುಕು ಬಿಟ್ಟು ಕಲ್ಲಾಗಿರುತ್ತದೆ, ಯಂತ್ರ ಬೇಕೇ ಬೇಕು. ಆದರೆ ಶರೀರವನ್ನು ಕೂಡಿಸುವ ಗೂಡನ್ನು ಕುಣಿಯ ಒಂದು ಮಗ್ಗುಲಿಗೆ ಕೊರೆಯಬೇಕಲ್ಲ, ಅದು ಜೆಸಿಬಿಗೆ ಆಗದ ಮಾತು. ಒಬ್ಬ ಇಳಿದು ಮೊಣಕಾಲೂರಿ ಸಣ್ಣ ಹಾರೆಯಿಂದ ಮೆಲ್ಲಗೆ ಕೆತ್ತಬೇಕು, ಇನ್ನೊಬ್ಬ ಮಣ್ಣು ಬುಟ್ಟಿಗೆ ತುಂಬಬೇಕು, ಮೇಲಿದ್ದವರು ಎಳೆದುಕೊಳ್ಳಬೇಕು. ಆಮೇಲೆ ಶರೀರ ಹೊರುವ ವಿಮಾನಕ್ಕೆ ಹೆಗಲು. ಅಲ್ಲಿದ್ದವರು ಎಪ್ಪತ್ತು ದಾಟಿದ ಮುದುಕರು, ಇಬ್ಬರು ಹೈಸ್ಕೂಲ್ ಹುಡುಗರು ಮತ್ತು ನಾನು. “ಯಾರದಾರಪ್ಪಾ ಊರಾಗ? ಎಲ್ಲಾರೂ ಬಿಜಾಪುರಕ್ಕ ಹೋಗ್ಯಾರ” ಎಂದು ತೀರಿಕೊಂಡವರ ತಮ್ಮ ಹೇಳಿದರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ನನಗೆ ಮಾತ್ರ ಆ ಮಾತು ಇಂದಿಗೂ ಚುಚ್ಚುತ್ತದೆ. ಮಣ್ಣಿಗೆ ಬರುವವರಿಲ್ಲದ ಮೇಲೆ ಮನೆಗಳಿದ್ದೇನು, ಗುಡಿಗಳಿದ್ದೇನು?

ಶರಣರೇ ಹುಟ್ಟಿದ ಊರು ಬಿಟ್ಟವರಲ್ಲವೇ ಎಂದು ಗೆಳೆಯರು ವಾದಿಸುತ್ತಾರೆ. ನಿಜ. ಬಸವಣ್ಣ ಬಾಗೇವಾಡಿ ಬಿಟ್ಟು ಕೂಡಲಸಂಗಮಕ್ಕೆ ಹೋದ. ದೇವರ ಹಿಪ್ಪರಗಿಯ ಮಡಿವಾಳ ಮಾಚಯ್ಯ ಕಲ್ಯಾಣಕ್ಕೆ ನಡೆದ. ಮುದ್ದೇಬಿಹಾಳ ತಾಲ್ಲೂಕಿನ ತಂಗಡಗಿಗೆ ಹೋದಾಗಲೆಲ್ಲ ಈ ವಾದ ನನ್ನೊಳಗೂ ಏಳುತ್ತದೆ. ಪತಿ ಬಸವಣ್ಣನ ಕರೆಯ ಮೇರೆಗೆ ಹಡಪದ ಅಪ್ಪಣ್ಣನ ಜೊತೆ ಸಂಗಮಕ್ಕೆ ಹೊರಟ ನೀಲಮ್ಮ ದಾರಿಯಲ್ಲಿ ಕೃಷ್ಣೆಯ ದಂಡೆಯ ಈ ಊರಲ್ಲೇ ನಿಂತಳು. ಸಂಗಮನಾಥ ಅಲ್ಲಿರುವಂತೆ ಇಲ್ಲೂ ಇದ್ದಾನೆ ಎಂದು ಇಲ್ಲೇ ಐಕ್ಯಳಾದಳು ಎಂಬುದು ಶರಣ ಪರಂಪರೆಯ ನಂಬಿಕೆ. ನಿಂತ ನೆಲದಲ್ಲೇ ದೇವರನ್ನು ಕಂಡವಳ ಎದುರು ‘ನಮ್ಮೂರು, ನಮ್ಮೂರು’ ಎಂದು ನಾನು ಹಲುಬುವುದು ಸಣ್ಣತನವಾಗಿ ಕಾಣುತ್ತದೆ.

ಆದರೂ ಒಂದು ಮಾತು ಉಳಿಯುತ್ತದೆ. ದೇವರಿಗೆ ಊರಿಲ್ಲ, ಋಣಕ್ಕೆ ಇದೆ. ಕಲ್ಯಾಣಕ್ಕೆ ಹೋದ ಮಾಚಯ್ಯ ಸಂಜೆ ಹಿಪ್ಪರಗಿಗೆ ಮರಳಲಿಲ್ಲ. ಯಾರ ಬಟ್ಟೆ ಒಗೆದನೋ ಅವರ ನಡುವೆಯೇ ಬಾಳಿದ, ಅವರ ಕಷ್ಟದ ಹೊತ್ತಿಗೆ ಎದೆಗೊಟ್ಟು ನಿಂತ. ಶರಣರು ಕಾಯಕದ ಬೆನ್ನಿಗೇ ದಾಸೋಹವನ್ನು ಕಟ್ಟಿದರು. ದುಡಿದದ್ದು ಕಣ್ಣೆದುರಿನ ಮಂದಿಗೆ ಸಲ್ಲಬೇಕು. ನಮ್ಮ ಕಾಯಕ ವಿಜಯಪುರದಲ್ಲಿ. ದಾಸೋಹ ಎಲ್ಲಿ? ಐದೂವರೆ ಆದರೆ ಬಸ್ ತಪ್ಪೀತೆಂದು ಅಲ್ಲಿಂದ ಏಳುತ್ತೇವೆ. ಇಲ್ಲಿಗೆ ಬಂದರೆ ದಣಿದಿರುತ್ತೇವೆ, ಉಂಡು ಮಲಗುತ್ತೇವೆ. ಎರಡೂ ಊರಿನ ಅನ್ನ ನೀರು ನಮಗೆ ಬೇಕು, ಎರಡೂ ಊರಿನ ಹೊರೆ ಬೇಡ. ನನ್ನ ತಕರಾರು ಇದಕ್ಕೆ, ಬಸ್ಸಿಗಲ್ಲ.

ದೂರದಲ್ಲಿ ದುಡಿದೂ ಊರನ್ನು ಹಿಡಿದುಕೊಂಡವರಿದ್ದಾರೆ. ಇಂಡಿ ತಾಲ್ಲೂಕಿನ ನಿಂಬಾಳದಲ್ಲಿ ಗುರುದೇವ ರಾನಡೆಯವರ ಆಶ್ರಮವಿದೆ. 1886ರಲ್ಲಿ ಜಮಖಂಡಿಯಲ್ಲಿ ಹುಟ್ಟಿದ ಅವರು ಅಲಹಾಬಾದ್ ವಿಶ್ವವಿದ್ಯಾಲಯದಲ್ಲಿ ತತ್ತ್ವಶಾಸ್ತ್ರದ ಪ್ರಾಧ್ಯಾಪಕರಾಗಿ, ಕುಲಪತಿಯೂ ಆದರು. ಗಂಗೆ ಯಮುನೆಯ ದಂಡೆಯಲ್ಲಿ ಕಾಯಕ, ಈ ಬಯಲುಸೀಮೆಯಲ್ಲಿ ಸಾಧನೆ. ಅಲ್ಲಿಗೂ ಇಲ್ಲಿಗೂ ನೂರಾರು ಮೈಲಿಯ ರೈಲು ಪ್ರಯಾಣ. ನಿವೃತ್ತಿಯ ನಂತರ ನಿಂಬಾಳದಲ್ಲೇ ಉಳಿದು 1957ರಲ್ಲಿ ಅಲ್ಲೇ ದೇಹ ಬಿಟ್ಟರು. ನಿಂಬಾಳಕ್ಕೆ ಬಂದಾಗ ಅವರು ಪೂರ್ತಿ ನಿಂಬಾಳದಲ್ಲಿರುತ್ತಿದ್ದರು ಎಂದು ನನಗನಿಸುತ್ತದೆ. ನಾವು 20 ಕಿಲೋಮೀಟರಿನ ನೆಪ ಹೇಳುತ್ತೇವೆ.

ಒಬ್ಬರಲ್ಲ, ಅಪ್-ಡೌನ್ ಮಾಡುವ ಇಡೀ ಊರೇ ಹೀಗೆ ತನ್ನತನ ಹಿಡಿದುಕೊಂಡದ್ದೂ ಉಂಟು. ಲಂಡನ್ನಿನ ಅಂಚಿಗೆ ಪಿನ್ನರ್ ಎಂಬ ಹಳೆಯ ಹಳ್ಳಿಯಿದೆ. 1885ರಲ್ಲಿ ಅಲ್ಲಿಗೆ ರೈಲು ಬಂತು. ಕ್ರಮೇಣ ಅದು ಲಂಡನ್ನಿಗೆ ಅಪ್-ಡೌನ್ ಮಾಡುವವರ ಬಡಾವಣೆಯಾಯಿತು. 1336ರಲ್ಲಿ ಮೂರನೇ ಎಡ್ವರ್ಡ್ ದೊರೆ ಅಪ್ಪಣೆ ಕೊಟ್ಟ ಜಾತ್ರೆಯನ್ನು ಮಾತ್ರ ಅವರು ಬಿಟ್ಟಿಲ್ಲ. ಇಂದಿಗೂ ವರ್ಷಕ್ಕೊಮ್ಮೆ ಬುಧವಾರ, ಕೆಲಸದ ದಿನವೇ, ಊರ ನಡುಬೀದಿಯಲ್ಲಿ ಸಂಚಾರ ನಿಲ್ಲಿಸಿ ಜಾತ್ರೆ ನಡೆಸುತ್ತಾರೆ. ಅದನ್ನು ಭಾನುವಾರಕ್ಕೆ ತಳ್ಳದಿದ್ದುದು ನನಗೆ ಬಹಳ ಮೆಚ್ಚುಗೆ.

“ಬಿಜಾಪುರದಾಗ ಒಂದ್ ಸೈಟ್ ತಗೊಂಡ್ ಮನಿ ಕಟ್ಟಿಬಿಡ್ರಿ, ಈ ತ್ರಾಸ ತಪ್ಪತೈತಿ” ಎನ್ನುತ್ತಾರೆ ಬಸ್ಸಿನ ಜೊತೆಗಾರರು. ಹೋಗುವುದು ತಪ್ಪಲ್ಲ. ಹೋದರೆ ಮಾಚಯ್ಯನಂತೆ ಹೋಗಬೇಕು, ಅಲ್ಲಿನ ಓಣಿಯ ಸಾವು ನೋವಿಗೆ ಆಗಬೇಕು. ಉಳಿದರೆ ಇಲ್ಲಿ ಆಗಬೇಕು. ನಾನು ಉಳಿದಿದ್ದೇನೆ. ಆ ಬೇಸಿಗೆಯ ನಂತರ ಅಪ್-ಡೌನ್ ಮಾಡುವ ಕೆಲವರು ಬಸ್ಸಿನಲ್ಲೇ ಒಂದು ಮಾತು ಮಾಡಿಕೊಂಡೆವು: ಊರಲ್ಲಿ ಯಾರೇ ತೀರಿಕೊಂಡರೂ, ಯಾವ ಓಣಿ, ಯಾವ ಜಾತಿ ಎಂದು ಕೇಳದೆ, ಸರದಿಯ ಪ್ರಕಾರ ಇಬ್ಬರು ಅಂದು ಸಿ.ಎಲ್. ಹಾಕಿ ಊರಲ್ಲಿ ಉಳಿಯುವುದು. ಗೂಡು ಕೊರೆಯುವುದನ್ನು ಹಿರಿಯರ ಕೈಯಿಂದ ಒಬ್ಬೊಬ್ಬರಾಗಿ ಕಲಿಯುತ್ತಿದ್ದೇವೆ. ವಿಜಯಪುರದ ಗ್ಯಾರೇಜಿನಲ್ಲಿ ದುಡಿಯುವ ಮುಸ್ಲಿಂ ಓಣಿಯ ಇಬ್ಬರು ಹುಡುಗರೂ ಸರದಿಯಲ್ಲಿ ತಮ್ಮ ಹೆಸರು ಬರೆಸಿದ್ದಾರೆ. ಜನಾಜಾ ಹೊರುವಾಗ ಅವರಿಗೂ ಹೆಗಲು ಕಡಿಮೆ ಬೀಳುತ್ತಿವೆಯಂತೆ.