ಒಪ್ಪವಿಡುವುದು: ಮರಕ್ಕೂ ಮನಸ್ಸಿಗೂ

॥ ಶ್ರೀ ಗುರುಭ್ಯೋ ನಮಃ । ಹರಿಃ ಓಂ ॥

ಚಾತುರ್ಮಾಸ್ಯದ ಮಳೆ ಕಳೆದು ಕಾರ್ತಿಕ ಮಾಸವು ಸಮೀಪಿಸಿದಂತೆ ನಮ್ಮ ಕರಾವಳಿಯ ದೇವಾಲಯಗಳಲ್ಲಿ ಉತ್ಸವದ ಸಿದ್ಧತೆಗಳು ಆರಂಭವಾಗುತ್ತವೆ. ವರ್ಷಕ್ಕೆ ಸುಮಾರು 3000 ಮಿಲಿಮೀಟರು ಮಳೆ ಬೀಳುವ ಕಾರವಾರ, ಅಂಕೋಲೆಗಳಲ್ಲಿ ಕಟ್ಟಿಗೆಯ ಯಾವ ವಸ್ತುವೂ ನಾಲ್ಕು ತಿಂಗಳು ಕಳೆದ ಮೇಲೆ ಮೊದಲಿನ ಕಾಂತಿಯಿಂದ ಉಳಿಯುವುದಿಲ್ಲ. ಪಲ್ಲಕ್ಕಿಯ ದಂಡಿಗೆ ಮಂಕಾಗಿರುತ್ತದೆ. ಮಂಟಪದ ಕಂಬಗಳ ಮೇಲೆ ಬೂಷ್ಟು ಕಟ್ಟಿರುತ್ತದೆ. ಮನೆಯ ತೂಗುಮಣೆ, ಹೆಬ್ಬಾಗಿಲುಗಳು ಕಡಲಗಾಳಿಯ ತೇವವನ್ನು ಹೀರಿ ಕಳೆಗುಂದಿರುತ್ತವೆ. ಆಗ ಬಡಗಿಯನ್ನು ಕರೆಸಿ, ಉಜ್ಜಿಸಿ, ಎಣ್ಣೆಯನ್ನೋ ಅರಗನ್ನೋ ಹಚ್ಚಿಸಿ, ಅವುಗಳಿಗೆ ಮತ್ತೆ ಕಾಂತಿಯನ್ನು ತರಿಸುತ್ತೇವೆ. ಈ ಕೆಲಸಕ್ಕೆ ಇಂದು ಎಲ್ಲರೂ ‘ಪಾಲೀಶು ಮಾಡುವುದು’ ಎನ್ನುತ್ತಾರೆ. ಕನ್ನಡದಲ್ಲಿ ಇದಕ್ಕೆ ‘ಒಪ್ಪವಿಡುವುದು’ ಎಂಬ ಹಳೆಯ, ಅರ್ಥವತ್ತಾದ ಮಾತು ಇದೆ.

‘ಒಪ್ಪ’ವೆಂದರೆ ಹೊಳಪು, ನಯ, ಅಂದ. ಚಿನ್ನಕ್ಕೆ, ರತ್ನಕ್ಕೆ, ಮರಕ್ಕೆ ನಯವನ್ನು ತರುವುದು ಒಪ್ಪವಿಡುವುದು. ‘ಒಪ್ಪು’ ಎಂದರೆ ಸಮ್ಮತಿಸು, ಹೊಂದು, ಶೋಭಿಸು ಎಂಬ ಅರ್ಥಗಳೂ ಉಂಟು. ‘ಈ ಬಣ್ಣ ಅವಳಿಗೆ ಒಪ್ಪುತ್ತದೆ’ ಎಂಬಲ್ಲಿಯೂ, ‘ಒಪ್ಪ ಓರಣ’ ಎಂಬಲ್ಲಿಯೂ, ‘ಒಪ್ಪಂದ’ವೆಂಬಲ್ಲಿಯೂ ಇರುವುದು ಒಂದೇ ಧಾತು. ಅಂದರೆ ಕನ್ನಡಿಗನ ದೃಷ್ಟಿಯಲ್ಲಿ ವಸ್ತುವಿಗೆ ಹೊಂದಿಕೊಂಡು, ಅದರ ಸಮ್ಮತಿ ಪಡೆದಂತೆ ಬರುವ ಹೊಳಪೇ ಒಪ್ಪ. ಬಲಾತ್ಕಾರವಾಗಿ ಮೇಲೆ ಮೆತ್ತಿದ್ದು ಬರಿಯ ಬಣ್ಣ. ಆದುದರಿಂದಲೇ ‘ಬಣ್ಣದ ಮಾತು’ ಎಂದರೆ ನಿಂದೆಯಾಗುತ್ತದೆ, ‘ಒಪ್ಪವಾದ ಮಾತು’ ಎಂದರೆ ಪ್ರಶಂಸೆಯಾಗುತ್ತದೆ.

ಹೀಗೆ ಮರಕ್ಕೆ ಸಲ್ಲುವ ಮಾತು ಮಾತಿಗೆ, ನಡತೆಗೆ, ಮನಸ್ಸಿಗೆ ಸಂದಾಗ ಶಾಸ್ತ್ರಜ್ಞರು ಅದನ್ನು ಅಮುಖ್ಯವೃತ್ತಿ ಎನ್ನುತ್ತಾರೆ. ಗಂಗೆಯ ಮೇಲೆ ಹಳ್ಳಿ ಎಂದರೆ ಗಂಗೆಯ ದಡದಲ್ಲಿ ಹಳ್ಳಿ ಎಂದು ತಿಳಿಯಬೇಕೆಂಬುದು ಅಲಂಕಾರಿಕರ ಪ್ರಸಿದ್ಧ ಉದಾಹರಣೆ. ಕೋಡಿಬಾಗವು ಕಾಳಿಯ ಮೇಲಿದೆ ಎಂದರೆ ನೀರಿನ ಮೇಲೆ ತೇಲುತ್ತಿದೆಯೆಂದು ನಮ್ಮಲ್ಲಿ ಯಾರೂ ಭಾವಿಸುವುದಿಲ್ಲ. ಅಂತೆಯೇ ‘ಮನಸ್ಸಿಗೆ ಒಪ್ಪವಿಟ್ಟರು’ ಎಂದರೆ ಅರಗು ಹಚ್ಚಿದರೆಂದಲ್ಲ. ಇಷ್ಟಕ್ಕೇ ಬಿಟ್ಟರೆ ಇದು ವ್ಯಾಕರಣದ ವಿಚಾರವಾದೀತು. ಆದರೆ ಈ ಗೌಣಪ್ರಯೋಗದ ಹಿಂದೆ ಜೀವನಿಗೆ ಸಂಬಂಧಿಸಿದ ಒಂದು ಪ್ರಶ್ನೆ ಅಡಗಿದೆ. ನಮ್ಮ ಆಚಾರ, ಸಂಸ್ಕಾರಗಳು ಜೀವನಲ್ಲಿ ಇಲ್ಲದ್ದನ್ನು ಉಂಟುಮಾಡುತ್ತವೆಯೇ? ಇರುವುದನ್ನು ತೋರಿಸುತ್ತವೆಯೇ? ಅಥವಾ ಇಲ್ಲದ್ದನ್ನು ಇದ್ದಂತೆ ತೋರಿಸುವ ಮೇಲುಹೊಳಪು ಮಾತ್ರವೇ?

ಇದು ಪಂಡಿತರ ಸಭೆಗೆ ಮಾತ್ರ ಸಂಬಂಧಿಸಿದ ಪ್ರಶ್ನೆಯಲ್ಲ. ಮನೆಮನೆಗಳಲ್ಲಿ ಇಂದು ಈ ಪ್ರಶ್ನೆ ಎದ್ದಿದೆ. ಮುಂಬಯಿ, ಪುಣೆ, ಬೆಂಗಳೂರುಗಳಲ್ಲಿ ಉದ್ಯೋಗದಲ್ಲಿರುವ ಮಗನು ಉಪಾಕರ್ಮಕ್ಕೆ ಬಾರದೆ, ‘ಹೊರಗಿನ ದಾರ ಬದಲಿಸಿದರೆ ಒಳಗೇನು ಬದಲಾದೀತು?’ ಎಂದು ಕೇಳುತ್ತಾನೆ. ತಂದೆಗೆ ಉತ್ತರ ತೋಚದೆ ಕೋಪ ಬರುತ್ತದೆ. ಇನ್ನೊಂದೆಡೆ ಗೋಪೀಚಂದನ, ಮುದ್ರೆ, ಮಡಿಗಳಲ್ಲಿ ಲೋಪವಿಲ್ಲದ ಹಿರಿಯರು ನೆರೆಯವನ ಗಡಿಯನ್ನು ಒತ್ತುವುದಕ್ಕೂ, ಮನೆಯ ಸೊಸೆಯ ಕಣ್ಣೀರಿಗೆ ಕಾರಣರಾಗುವುದಕ್ಕೂ ಹಿಂಜರಿಯದಿರುವುದನ್ನು ಮಕ್ಕಳು ಕಾಣುತ್ತಾರೆ. ‘ಮೇಲೆ ಥಳುಕು, ಒಳಗೆ ಹುಳುಕು’ ಎಂಬ ಗಾದೆ ಅವರ ನೆನಪಿಗೆ ಬಂದರೆ ಆಶ್ಚರ್ಯವೇನು? ಹುಳುಕು ಎಂದರೆ ಹುಳು ತಿಂದ ಮರದ ದೋಷ. ಈ ಗಾದೆಯೂ ಬಡಗಿಯ ಅಂಗಳದಿಂದಲೇ ಹೊರಟದ್ದು.

ಉತ್ತರವನ್ನು ಹುಡುಕುವ ಮುನ್ನ ಒಪ್ಪವಿಡುವ ಕೆಲಸವು ಹೇಗೆ ನಡೆಯುತ್ತದೆಂಬುದನ್ನು ನೋಡಬೇಕು. ಬಲ್ಲ ಬಡಗಿಯು ಬಂದೊಡನೆ ಹೊಸ ಲೇಪವನ್ನು ಹಚ್ಚುವುದಿಲ್ಲ. ಮೊದಲು ಹಳೆಯ ಲೇಪವನ್ನು ಕೆರೆದು ತೆಗೆಯುತ್ತಾನೆ. ಹುಳುಕು ಇದ್ದರೆ ಆ ಭಾಗವನ್ನು ಕತ್ತರಿಸಿ, ಅದೇ ಜಾತಿಯ ಮರದ ತುಂಡನ್ನು ಕೂಡಿಸುತ್ತಾನೆ. ಅನಂತರ ಉಜ್ಜುಕಾಗದದಿಂದ ಮರದ ಎಳೆ ಹೋದ ದಿಕ್ಕಿನಲ್ಲಿಯೇ ಉಜ್ಜುತ್ತಾನೆ. ಎಳೆಗೆ ಅಡ್ಡಲಾಗಿ ಉಜ್ಜಿದರೆ ಗೀರುಗಳು ಬಿದ್ದು, ಒಪ್ಪವಿಟ್ಟ ಮೇಲೆ ಅವು ಇನ್ನಷ್ಟು ಎದ್ದು ಕಾಣುತ್ತವೆ. ಧೂಳನ್ನು ಒರೆಸಿ, ಸ್ಪಿರಿಟ್ಟಿನಲ್ಲಿ ಕರಗಿಸಿದ ಅರಗನ್ನು ಬಟ್ಟೆ ಸುತ್ತಿದ ಹತ್ತಿಯ ಉಂಡೆಯಿಂದ ತೆಳುವಾಗಿ, ಒಂದು ಒಣಗಿದ ಮೇಲೆ ಇನ್ನೊಂದರಂತೆ ಹಲವು ಸಲ ಹಚ್ಚುತ್ತಾನೆ. ತೇವವಿರುವಾಗ ಹಚ್ಚಿದರೆ ಅರಗಿನ ಮೇಲೆ ಬಿಳಿಯ ಮಬ್ಬು ಮೂಡುತ್ತದೆ. ಆದುದರಿಂದ ಮಳೆ ನಿಂತು ಮರ ಒಣಗುವವರೆಗೆ ಕಾಯುತ್ತಾನೆ. ಬಾಗಿಲ ಹೊರಮೈಗೆ, ದೋಣಿಗೆ ಗೇರುಬೀಜದ ಸಿಪ್ಪೆಯ ಎಣ್ಣೆಯನ್ನು ಬಳಿಯುವ ಪದ್ಧತಿಯೂ ಕರಾವಳಿಯಲ್ಲಿ ಉಂಟು. ಅದರ ಪ್ರಯೋಜನ ಗೆದ್ದಲು, ನೀರುಗಳಿಂದ ರಕ್ಷಣೆಯೇ ಹೊರತು ಅಂದವಲ್ಲ.

ಇಲ್ಲಿ ಎರಡು ಕ್ರಿಯೆಗಳಿರುವುದನ್ನು ಗಮನಿಸಬೇಕು: ದೋಷವನ್ನು ತೆಗೆಯುವುದು ಮತ್ತು ಗುಣವನ್ನು ತರುವುದು. ಶಾಸ್ತ್ರದಲ್ಲಿ ಸಂಸ್ಕಾರವೆಂಬ ಪದಕ್ಕೆ ದೋಷಾಪನಯನ, ಗುಣಾಧಾನ ಎಂಬ ಇವೇ ಎರಡು ಮುಖಗಳನ್ನು ಹೇಳುತ್ತಾರೆ. ಆದರೆ ತೇಗಕ್ಕೆ ಎಷ್ಟು ಸಲ ಒಪ್ಪವಿಟ್ಟರೂ ಅದು ಬೀಟೆಯಾಗುವುದಿಲ್ಲ, ಹಲಸು ತೇಗವಾಗುವುದಿಲ್ಲ. ಹೊಸ ಎಳೆಗಳನ್ನು ಅರಗು ಬರೆಯುವುದಿಲ್ಲ. ಮರದೊಳಗೆ ಮೊದಲೇ ಇದ್ದ ಎಳೆಗಳೇ ಕೊಳೆ ಕಳೆದಾಗ ಕಣ್ಣಿಗೆ ಬೀಳುತ್ತವೆ.

ಶ್ರೀಮದಾಚಾರ್ಯರ ಸಿದ್ಧಾಂತಕ್ಕೆ ಇದು ಎಷ್ಟೋ ಸಮೀಪದ ದೃಷ್ಟಾಂತ. ಜೀವನ ಸ್ವರೂಪವು ಅನಾದಿ, ನಿತ್ಯ. ಯಾವ ಸಾಧನೆಯೂ ಅದನ್ನು ಬೇರೊಂದನ್ನಾಗಿ ಮಾಡಲಾರದು. ತನ್ನ ಸ್ವರೂಪದಲ್ಲಿರುವ ನಿಜಸುಖವನ್ನು ಆವರಣವಿಲ್ಲದೆ ಅನುಭವಿಸುವುದೇ ಮುಕ್ತಿ. ಹೊರಗಿನಿಂದ ತಂದು ಹಚ್ಚಿದ ಸುಖವು ಮುಕ್ತಿಯಲ್ಲ. ಜೀವನು ಶ್ರೀಹರಿಯ ಪ್ರತಿಬಿಂಬನಾದರೂ ಕನ್ನಡಿ ಒಡೆದೊಡನೆ ಇಲ್ಲವಾಗುವ ನೆರಳಿನಂಥವನಲ್ಲ. ಹೊರಗಿನ ಉಪಾಧಿಗಳು ಕಳಚಿಹೋದರೂ ಸ್ವರೂಪವೆಂಬ ಉಪಾಧಿಯು ಉಳಿದೇ ಇರುತ್ತದೆ. ಕೊಳೆಯನ್ನು ಕೆರೆದಾಗ ಮರವೂ ಹೋಗಿಬಿಡುವುದೆಂದು ಅಂಜಬೇಕಾಗಿಲ್ಲ.

ಇಲ್ಲಿ ಒಂದು ಶಂಕೆ ಬರುವುದು. ಸ್ವರೂಪವು ಬದಲಾಗುವುದಿಲ್ಲವಾದರೆ ಸಾಧನೆ ಏಕೆ? ತೇಗವು ತೇಗವಾಗಿಯೇ ಇರುವುದಾದರೆ ಒಪ್ಪವೇಕೆ? ಸಮಾಧಾನವಿಷ್ಟೆ: ಇರುವುದು ಬೇರೆ, ಇರುವುದರ ಅಭಿವ್ಯಕ್ತಿ ಬೇರೆ. ಬೂಷ್ಟು ಹಿಡಿದ ಮಂಟಪದಲ್ಲಿಯೂ ಎಳೆಗಳಿವೆ. ಆದರೆ ನಂದಾದೀಪದ ಬೆಳಕು ಅದರಲ್ಲಿ ಮೂಡುವುದಿಲ್ಲ. ಅಲ್ಲದೆ ಮಳೆಗಾಲದಲ್ಲಿ ರಕ್ಷಣೆಯಿಲ್ಲದೆ ಬಿಟ್ಟ ಮರವು ಇದ್ದ ಹಾಗೆ ಇರುವುದಿಲ್ಲ, ದಿನದಿನಕ್ಕೆ ಕೆಡುತ್ತದೆ. ಸ್ವರೂಪವು ಕೆಡದಿದ್ದರೂ ಮನಸ್ಸು, ಇಂದ್ರಿಯ, ನಡತೆಗಳು ಕೆಡುತ್ತವೆ. ಅವುಗಳ ಮೇಲೆಯೇ ಸಂಸ್ಕಾರದ ಕೆಲಸ. ಆಷಾಢದ ಪ್ರಥಮೈಕಾದಶಿಯಂದು ತಪ್ತಮುದ್ರಾಧಾರಣೆಯನ್ನು ವರ್ಷವರ್ಷವೂ ಮಾಡಿಸಿಕೊಳ್ಳುವುದೂ, ಶ್ರಾವಣದಲ್ಲಿ ಯಜ್ಞೋಪವೀತವನ್ನು ಬದಲಿಸುವುದೂ ಈ ಕಾರಣದಿಂದಲೇ. ಉಪನಯನ ಆದುದು ಒಮ್ಮೆ. ಅದನ್ನು ಪ್ರತಿವರ್ಷ ಮಾಡುವುದಿಲ್ಲ. ಆದರೆ ಅದರ ನೆನಪು ಮಾಸುತ್ತದೆ, ಅದಕ್ಕೆ ಒಪ್ಪವಿಡಬೇಕಾಗುತ್ತದೆ. ‘ದಾರ ಬದಲಿಸಿದರೆ ಒಳಗೇನು ಬದಲಾದೀತು?’ ಎಂದು ಕೇಳುವ ಮಗನಿಗೆ ತಂದೆಯು, ‘ಒಳಗಿನದು ಬದಲಾಗಲೆಂದಲ್ಲ ಮಗು, ಮರೆತುಹೋಗದಿರಲಿ ಎಂದು’ ಎಂದು ಶಾಂತವಾಗಿ ಹೇಳಬಹುದು.

ದೃಷ್ಟಾಂತಕ್ಕೆ ಮಿತಿಯೂ ಉಂಟು. ಮರವು ಜಡ, ಜೀವನು ಚೇತನ. ಪಂಚಭೇದಗಳಲ್ಲಿ ಜಡ-ಜೀವಭೇದವನ್ನು ಒಪ್ಪುವ ನಾವು ಇದನ್ನು ಮರೆಯುವಂತಿಲ್ಲ. ಮರವು ಬಡಗಿಗೆ ಸಹಕರಿಸಲಾರದು, ವಿರೋಧಿಸಲಾರದು. ಜೀವನಿಗಾದರೋ ಕರ್ತೃತ್ವವಿದೆ. ಅದು ಶ್ರೀಹರಿಯ ಅಧೀನವಾದರೂ ಸುಳ್ಳಲ್ಲ. ಆದುದರಿಂದ ಗುರುವು ಉಜ್ಜುವಾಗ ಆಗುವ ನೋವನ್ನು ‘ಒಪ್ಪಿ’ಕೊಳ್ಳುವುದು ನಮಗೆ ಸೇರಿದ್ದು. ಒಪ್ಪವೂ ಒಪ್ಪಿಗೆಯೂ ಕನ್ನಡದಲ್ಲಿ ಒಂದೇ ಧಾತುವಿನಿಂದ ಬಂದುದು ಇಲ್ಲಿ ಸಾರ್ಥಕವಾಗುತ್ತದೆ. ಕೊನೆಯ ಆವರಣವು ನಮ್ಮ ಉಜ್ಜುವಿಕೆಯಿಂದ ಹೋಗುವುದಿಲ್ಲ, ಅಪರೋಕ್ಷಜ್ಞಾನದ ಮೂಲಕ ಒದಗುವ ಭಗವತ್ಪ್ರಸಾದದಿಂದಲೇ ಹೋಗುತ್ತದೆ ಎಂಬುದನ್ನೂ ನೆನೆಯತಕ್ಕದ್ದು.

ಇನ್ನು ದೇವರ ವಿಷಯ. ಪುರಿಯ ಜಗನ್ನಾಥಕ್ಷೇತ್ರದಲ್ಲಿ ಮೂರ್ತಿಗಳು ಬೇವಿನ ದಾರುವಿನಿಂದಾದವು. ಜ್ಯೇಷ್ಠ ಪೂರ್ಣಿಮೆಯ ಸ್ನಾನದ ಅನಂತರ ಸುಮಾರು ಹದಿನೈದು ದಿನ ದರ್ಶನವಿರುವುದಿಲ್ಲ. ಆಗ ಮೂರ್ತಿಗಳಿಗೆ ಬಣ್ಣವನ್ನು ಹೊಸದಾಗಿ ಹಚ್ಚಿ, ರಥಯಾತ್ರೆಗೆ ಮುನ್ನ ‘ನವಯೌವನ ದರ್ಶನ’ವನ್ನು ಮಾಡಿಸುತ್ತಾರೆ. ಅಧಿಕ ಆಷಾಢ ಬರುವ ಕೆಲವು ವರ್ಷಗಳಲ್ಲಿ ದಾರುವನ್ನೇ ಬದಲಿಸುವ ನವಕಲೇವರವು ನಡೆಯುತ್ತದೆ. 1996ರಲ್ಲಿಯೂ 2015ರಲ್ಲಿಯೂ ಅದು ನಡೆದಿದೆ. ಶ್ರೀಮದಾಚಾರ್ಯರ ಶಿಷ್ಯರಾದ ಶ್ರೀ ನರಹರಿತೀರ್ಥರು ಕಳಿಂಗದೇಶದಲ್ಲಿದ್ದುದಕ್ಕೆ ಶ್ರೀಕೂರ್ಮದ 13ನೆಯ ಶತಮಾನದ ಶಾಸನಗಳು ಸಾಕ್ಷಿಯಾಗಿರುವುದರಿಂದ ಆ ನಾಡು ನಮಗೆ ದೂರದ್ದಲ್ಲ. ಅಲ್ಲಿ ಹೊಸತಾದುದು ಯಾವುದು? ಪ್ರತಿಮೆಯು ಸನ್ನಿಧಾನದ ಅಧಿಷ್ಠಾನ. ಪ್ರತಿಮೆಯೇ ಪರಮಾತ್ಮನೆಂದು ನಮ್ಮ ಸಿದ್ಧಾಂತವು ಹೇಳುವುದಿಲ್ಲ. ಹೊಸತಾದುದು ದಾರು, ಮತ್ತು ನೋಡುವವನ ಕಣ್ಣು. ಶ್ರೀಹರಿಯಾದರೋ ನಿತ್ಯನೂತನನು. ಹಳೆಯದಾದರೂ ಹೊಸದೇ ಆಗಿರುವುದು ಎಂಬಂತೆ ಯಾಸ್ಕರು ‘ಪುರಾಣ’ ಶಬ್ದವನ್ನು ಬಿಡಿಸಿದರು. ಎಲ್ಲ ಶಬ್ದಗಳೂ ಪರಮಮುಖ್ಯವೃತ್ತಿಯಿಂದ ವಿಷ್ಣುವನ್ನೇ ಹೇಳುತ್ತವೆಂಬ ನಮ್ಮ ಮತದಲ್ಲಿ ‘ಒಪ್ಪುವವನು’, ಎಂದರೆ ತಾನಾಗಿ ಶೋಭಿಸುವವನು, ಮುಖ್ಯಾರ್ಥದಲ್ಲಿ ಅವನೊಬ್ಬನೇ. ನಮ್ಮ ಒಪ್ಪವು ಅವನ ದೀಪದಿಂದ ಎರವಲು ಪಡೆದದ್ದು.

ಅಂಕೋಲೆಯ ಶ್ರೀ ವೆಂಕಟರಮಣ ದೇವಾಲಯದ ಮರದ ರಥಗಳ ಮೇಲೆ ರಾಮಾಯಣದ ಪ್ರಸಂಗಗಳ ಕೆತ್ತನೆಯಿದೆ. ಇಂಥ ಕೆತ್ತನೆಗೆ ಎರಡು ವಿಧದಿಂದ ಹಾನಿಯಾಗಬಹುದು. ಉತ್ಸಾಹದಿಂದ ಅತಿಯಾಗಿ ಕೆರೆದರೆ ಮೂರ್ತಿಯ ಕಣ್ಣುಮೂಗುಗಳೇ ಸವೆದುಹೋಗುತ್ತವೆ. ಹಳೆಯದನ್ನು ಕೆರೆಯದೆ ವರ್ಷವರ್ಷವೂ ಬಣ್ಣದ ಮೇಲೆ ಬಣ್ಣ ಬಳಿದರೆ ಕೆತ್ತನೆಯ ಗೆರೆಗಳು ತುಂಬಿಹೋಗಿ, ಯಾವುದು ರಾಮ ಯಾವುದು ಲಕ್ಷ್ಮಣ ಎಂಬುದು ತಿಳಿಯದಾಗುತ್ತದೆ. ಸಂಪ್ರದಾಯಕ್ಕೂ ಇವೇ ಎರಡು ಅಪಾಯಗಳು. ಎಲ್ಲವೂ ಕೊಳೆಯೆಂದು ಕೆರೆದೆಸೆಯುವವರು ಒಂದು ಕಡೆ. ರೂಢಿಯ ಮೇಲೆ ರೂಢಿಯನ್ನು ಪೇರಿಸಿ, ಆಡಂಬರವನ್ನೇ ಆಚಾರವೆಂದು ಮಕ್ಕಳಿಗೆ ಕಲಿಸುವವರು ಇನ್ನೊಂದು ಕಡೆ. ಎರಡನೆಯವರ ಕೈಯಲ್ಲಿ ಆಗುವ ನಷ್ಟವು ಮೊದಲನೆಯವರ ಕೈಯಲ್ಲಾಗುವುದಕ್ಕಿಂತ ಕಡಿಮೆಯಲ್ಲ. ನಿಧಾನವಾಗಿ ಆಗುವುದರಿಂದ ಅದು ಕಾಣುವುದಿಲ್ಲ, ಅಷ್ಟೆ.

ಹಾಗಾದರೆ ಒಳಗೆ ಭಾವವಿಲ್ಲದೆ ಆಚರಣೆಯನ್ನು ನಡೆಸುತ್ತಿರುವವನು ಅದನ್ನು ಬಿಟ್ಟುಬಿಡಬೇಕೇ? ಬೇಡ. ಸಾಮಾನ್ಯ ಮರಕ್ಕೂ ಲೇಪವು ರಕ್ಷಣೆ ಕೊಡುತ್ತದೆ; ಇಂದಿನ ಅಭ್ಯಾಸದೊಳಗೆ ನಾಳೆ ಭಾವವು ಹುಟ್ಟಬಹುದು. ಆದರೆ ಲೇಪವನ್ನು ತೋರಿಸಿ ಸಾಮಾನ್ಯ ಮರವನ್ನು ತೇಗವೆಂದು ಮಾರುವುದು ವಂಚನೆ. ಗೀತೆಯ ಹದಿನಾರನೆಯ ಅಧ್ಯಾಯದಲ್ಲಿ ಭಗವಂತನು ಆಸುರೀ ಸಂಪತ್ತನ್ನು ಎಣಿಸುವಾಗ ದಂಭವನ್ನೇ ಮೊದಲು ಹೆಸರಿಸಿರುವುದು ಗಮನಾರ್ಹ. ಗೋಪೀಚಂದನವನ್ನು ಹಚ್ಚಿಕೊಂಡದ್ದು ದಂಭವಲ್ಲ. ಹಚ್ಚಿಕೊಂಡದ್ದರಿಂದಲೇ ತನ್ನ ಅನ್ಯಾಯವು ಮುಚ್ಚಿಹೋಯಿತೆಂದು ಭಾವಿಸುವುದು ದಂಭ. ಹುಳುಕಿದ್ದಲ್ಲಿ ಮೊದಲು ಕತ್ತರಿಸಬೇಕು. ಒತ್ತಿದ ಗಡಿಯನ್ನು ಬಿಟ್ಟುಕೊಟ್ಟು, ನೋಯಿಸಿದವರಲ್ಲಿ ಕ್ಷಮೆ ಕೇಳಿ, ಅನಂತರ ಏಕಾದಶಿಯನ್ನು ಆಚರಿಸಿದರೆ ಆ ಉಪವಾಸಕ್ಕೆ ಒಪ್ಪ ಬರುತ್ತದೆ.

ನಮ್ಮ ಸೀಮೆಯ ಜನರಿಗೆ ಈ ವಿಚಾರವು ಇನ್ನೊಂದು ರೀತಿಯಲ್ಲಿಯೂ ಹತ್ತಿರದ್ದು. 1986ರಲ್ಲಿ ಶಂಕುಸ್ಥಾಪನೆಯಾಗಿ, 2005ರಲ್ಲಿ ಕದಂಬ ನೌಕಾನೆಲೆಯಾಗಿ ಕಾರ್ಯಾರಂಭ ಮಾಡಿದ ಸೀಬರ್ಡ್ ಯೋಜನೆಗಾಗಿ ಕಾರವಾರ, ಅಂಕೋಲೆಗಳ ಕಡಲಂಚಿನ ಹಲವು ಊರುಗಳವರು ಮನೆಮಠಗಳನ್ನು ಬಿಡಬೇಕಾಯಿತು. ಅಂಗಳ, ತುಳಸೀಕಟ್ಟೆ, ತೆಂಗಿನ ಸಾಲುಗಳನ್ನು ಹೊತ್ತೊಯ್ಯಲಾಗದು. ಆದರೆ ಬಿಟ್ಟ ಮನೆಯ ಬಾಗಿಲನ್ನೋ ದೇವರ ಮಂಟಪವನ್ನೋ ಹೊಸ ಮನೆಗೆ ಒಯ್ದು, ಉಜ್ಜಿ, ಒಪ್ಪವಿಟ್ಟು, ಅದರಲ್ಲಿ ಅದೇ ಸಾಲಿಗ್ರಾಮವನ್ನು ಇಟ್ಟು ಪೂಜಿಸಿದರೆ ಕುಲದ ನಡೆಯು ಕಡಿಯುವುದಿಲ್ಲ. 1475ರಲ್ಲಿ ಆರಂಭವಾಗಿ 2025ರಲ್ಲಿ 550 ವರ್ಷಗಳನ್ನು ಪೂರೈಸಿದ ಶ್ರೀ ಗೋಕರ್ಣ ಪರ್ತಗಾಳಿ ಜೀವೋತ್ತಮ ಮಠದ ಪರಂಪರೆಯೂ ಹೀಗೆಯೇ ಉಳಿದುಬಂದಿದೆ. ಪೀಠದಲ್ಲಿ ಯತಿಗಳು ಒಬ್ಬರ ಅನಂತರ ಒಬ್ಬರು ಬಂದರು. ಪೂಜೆಗೊಳ್ಳುವ ದೇವರು ಬದಲಾಗಲಿಲ್ಲ.

ಮರದಲ್ಲಿ ಹೊರಗಿನ ಬಿಳಿಯ ಭಾಗವನ್ನು ಗೆದ್ದಲು ಸುಲಭವಾಗಿ ತಿನ್ನುತ್ತದೆ. ತೇಗದ ಒಳಗಿನ ಕೆಚ್ಚನ್ನು ಬೇಗನೆ ಮುಟ್ಟಲಾರದು. ಆ ಕೆಚ್ಚಿನಿಂದಲೇ ‘ಕೆಚ್ಚೆದೆ’ ಎಂಬ ಮಾತು ಬಂದಿದೆ. ಭಗವಂತನ ಮಾಹಾತ್ಮ್ಯಜ್ಞಾನವನ್ನು ಮುಂದಿಟ್ಟುಕೊಂಡ ದೃಢವಾದ ಸ್ನೇಹವೇ ಭಕ್ತಿ ಎಂದು ಶ್ರೀಮದಾಚಾರ್ಯರು ಹೇಳಿರುವರು. ಆ ದಾರ್ಢ್ಯವೇ ಸಾಧಕನ ಕೆಚ್ಚು. ಅದಿದ್ದವನಿಗೆ ಆಚಾರವು ಭೂಷಣ, ಅದಿನ್ನೂ ಬಲಿಯದವನಿಗೆ ಆಚಾರವು ರಕ್ಷೆ. ಈ ಕಾರ್ತಿಕದಲ್ಲಿ ಮನೆಯ ಮಂಟಪಕ್ಕೆ ಒಪ್ಪವಿಡಿಸುವ ಆಸ್ತಿಕ ಬಂಧುಗಳು, ಬಡಗಿಯು ಹಳೆಯ ಲೇಪವನ್ನು ಕೆರೆಯುವಾಗ ಕ್ಷಣಕಾಲ ಹತ್ತಿರ ನಿಂತು ನೋಡಲಿ. ತಮ್ಮಲ್ಲಿ ಕೆರೆಯಬೇಕಾದುದು ಯಾವುದೆಂದು ತಾವೇ ವಿಚಾರಿಸಿಕೊಳ್ಳಲಿ ಎಂದು ಪ್ರಾರ್ಥನೆ.

॥ ಶ್ರೀಕೃಷ್ಣಾರ್ಪಣಮಸ್ತು ॥